ಬಾಂಬೆಯಿಂದ ಹೊರಟವರು: ಪ್ರೋಗ್ರೆಸಿವ್ ಚಿತ್ರಕಾರರ ಶೈಲಿಯ ಹುಡುಕಾಟ

ಪ್ರೋಗ್ರೆಸಿವ್ ಆರ್ಟಿಸ್ಟ್ಸ್ ಗ್ರೂಪ್ 1947ರಲ್ಲಿ ಬಾಂಬೆಯಲ್ಲಿ ಹುಟ್ಟಿದಾಗ ಅದರಲ್ಲಿದ್ದವರು ಆರೇ ಮಂದಿ: ಎಫ್. ಎನ್. ಸೋಜಾ, ಎಸ್. ಎಚ್. ರಝಾ, ಎಂ. ಎಫ್. ಹುಸೇನ್, ಕೆ. ಎಚ್. ಆರಾ, ಎಚ್. ಎ. ಗಾಡೆ ಮತ್ತು ಶಿಲ್ಪಿ ಎಸ್. ಕೆ. ಬಾಕ್ರೆ. ಗುಂಪಿಗೆ ತನ್ನದೇ ಒಂದು ಶೈಲಿ ಇರಲಿಲ್ಲ. ಬೇಡವಾದದ್ದು ಯಾವುದು ಎಂಬ ವಿಚಾರದಲ್ಲಿ ಮಾತ್ರ ಒಮ್ಮತವಿತ್ತು. ಜೆ. ಜೆ. ಕಲಾಶಾಲೆಯ ಬ್ರಿಟಿಷ್ ಮಾದರಿಯ ಪಾಠ ಅವರಿಗೆ ಸಾಕಾಗಿತ್ತು. ಬಂಗಾಳ ಶೈಲಿಯ ಮಂಜು ಮುಸುಕಿದ ಪುರಾಣಲೋಕದ ಮೇಲೆ ನಂಬಿಕೆ ಹೋಗಿತ್ತು. ಆಧುನಿಕ ಯುರೋಪಿನ ಚಿತ್ರಗಳನ್ನು ಅವರು ಹೆಚ್ಚಾಗಿ ಕಂಡದ್ದು ಪುಸ್ತಕಗಳ ಅಚ್ಚಿನಲ್ಲಿ. ಅವುಗಳನ್ನು ಬಿಡಿಸಿ ಹೇಳಿದವರು ನಾತ್ಸಿಗಳ ಕಾಲದಲ್ಲಿ ಯುರೋಪ್ ಬಿಟ್ಟು ಬಾಂಬೆ ಸೇರಿದ್ದ ಮೂವರು: ಆಸ್ಟ್ರಿಯದ ಚಿತ್ರಕಾರ ವಾಲ್ಟರ್ ಲಾಂಗ್‌ಹ್ಯಾಮರ್, ಟೈಮ್ಸ್ ಆಫ್ ಇಂಡಿಯಾದಲ್ಲಿ ಕಲಾವಿಮರ್ಶೆ ಬರೆಯುತ್ತಿದ್ದ ರೂಡಿ ಫಾನ್ ಲೇಡನ್, ಸಂಗ್ರಾಹಕ ಎಮಾನ್ಯುಯೆಲ್ ಶ್ಲೆಸಿಂಗರ್. ಗುಂಪಿನವರು ಯುರೋಪಿಗೆ ಹೋಗುವ ಮೊದಲೇ ಯುರೋಪ್ ಹೀಗೆ ತುಂಡುತುಂಡಾಗಿ ಅವರಲ್ಲಿಗೆ ಬಂದಿತ್ತು.

ಗುಂಪಿನ ಮೊದಲ ಪ್ರದರ್ಶನ ನಡೆದದ್ದು 1949ರಲ್ಲಿ. ಅದೇ ವರ್ಷ ಸೋಜಾ ಲಂಡನ್‌ಗೆ ಹೊರಟರು. 1950ರಲ್ಲಿ ರಝಾ ಪ್ಯಾರಿಸ್‌ಗೆ, 1951ರಲ್ಲಿ ಬಾಕ್ರೆ ಲಂಡನ್‌ಗೆ ಹೋದರು. ಗುಂಪಿನ ಒಡನಾಟದಲ್ಲಿದ್ದ ಅಕ್ಬರ್ ಪದಮ್‌ಸಿ 1951ರಲ್ಲಿ ಪ್ಯಾರಿಸ್ ಸೇರಿದರು. ತಯ್ಯಬ್ ಮೆಹ್ತಾ 1959ರಲ್ಲಿ ಲಂಡನ್‌ಗೆ ಬಂದರು. 1956ರ ಹೊತ್ತಿಗೆ ಗುಂಪು ಮುಗಿದಿತ್ತು. ಹಾಗಾಗಿ ಈ ಪಂಥದ ನಿಜವಾದ ಕೆಲಸ ಅದು ಚದುರಿದ ಮೇಲೆ, ಬೇರೆ ಬೇರೆ ದೇಶಗಳ ಬಾಡಿಗೆ ಕೋಣೆಗಳಲ್ಲಿ ನಡೆಯಿತು. ಈ ಕಥೆಯನ್ನು ಸಾಮಾನ್ಯವಾಗಿ ಒಂದೇ ಅಚ್ಚಿನಲ್ಲಿ ಹೇಳುತ್ತಾರೆ: ಕಲಾವಿದ ಪರದೇಶಕ್ಕೆ ಹೋದ, ತಂತ್ರ ಕಲಿತ, ಒಳಗೇನೋ ಕೊರತೆ ಕಂಡ, ಬೇರಿಗೆ ಮರಳಿದ, ತನ್ನ ಶೈಲಿ ಪಡೆದ. ರಝಾ ಈ ಅಚ್ಚಿಗೆ ಅರ್ಧ ಹೊಂದುತ್ತಾರೆ. ಸೋಜಾ ಹೊಂದುವುದೇ ಇಲ್ಲ.

ಸೋಜಾ ಹುಟ್ಟಿದ್ದು 1924ರಲ್ಲಿ, ಪೋರ್ಚುಗೀಸರ ಆಳ್ವಿಕೆಯಲ್ಲಿದ್ದ ಗೋವಾದ ಸಾಲಿಗಾಂವ್‌ನಲ್ಲಿ. ಚರ್ಚಿನ ಪೀಠದ ಮೇಲಿನ ಚಿನ್ನದ ಕೆಲಸ, ಮೊಳೆ ಹೊಡೆದ ಕ್ರಿಸ್ತ, ನಿಲುವಂಗಿಯ ಪಾದ್ರಿ, ಪಾಪದ ಭಯ ಇವೆಲ್ಲ ಅವರ ಕಣ್ಣಿಗೆ ಬಾಲ್ಯದಲ್ಲೇ ಅಂಟಿದ್ದವು. ಸ್ವಾತಂತ್ರ್ಯ ಚಳವಳಿಯಲ್ಲಿ ತೊಡಗಿದ್ದಕ್ಕೆ 1945ರಲ್ಲಿ ಜೆ. ಜೆ. ಕಲಾಶಾಲೆ ಅವರನ್ನು ಹೊರಹಾಕಿತು. ಲಂಡನ್‌ನ ಮೊದಲ ವರ್ಷಗಳು ಬಡತನದಲ್ಲಿ ಕಳೆದವು. 1955ರಲ್ಲಿ ಎರಡು ಸಂಗತಿಗಳು ಕೂಡಿಬಂದವು: ಸ್ಟೀಫನ್ ಸ್ಪೆಂಡರ್ ಸಂಪಾದಿಸುತ್ತಿದ್ದ 'ಎನ್‌ಕೌಂಟರ್' ಪತ್ರಿಕೆಯಲ್ಲಿ ಅವರ ಆತ್ಮಕಥನದ ಬರಹ ಪ್ರಕಟವಾಯಿತು, ವಿಕ್ಟರ್ ಮಸ್‌ಗ್ರೇವ್ ಅವರ ಗ್ಯಾಲರಿ ಒನ್‌ನಲ್ಲಿ ನಡೆದ ಪ್ರದರ್ಶನ ಗೆದ್ದಿತು. ಅದೇ ವರ್ಷದ 'ಬರ್ತ್' ಚಿತ್ರದಲ್ಲಿ ಅವರ ಕೈಬರಹದ ಎಲ್ಲ ಗುರುತುಗಳೂ ಇವೆ: ಮುಳ್ಳುತಂತಿಯಂತೆ ಓಡುವ ದಪ್ಪ ಕಪ್ಪು ರೇಖೆ, ಹಣೆಗೇರಿದ ಕಣ್ಣುಗಳು, ಕಿಟಕಿಯಾಚೆ ಕೋನಕೋನವಾಗಿ ಒತ್ತಿಕೊಂಡ ಊರು. ರೋಮನೆಸ್ಕ್ ಕಾಲದ ಕ್ರೈಸ್ತ ಚಿತ್ರಗಳಿಂದ, ರುವೋನಿಂದ, ಪಿಕಾಸೊನಿಂದ ಅವರು ಪಡೆದದ್ದು ಎದ್ದು ಕಾಣುತ್ತದೆ. ಅದನ್ನು ಮರೆಮಾಚುವ ಗೋಜಿಗೆ ಅವರು ಹೋಗಲೂ ಇಲ್ಲ.

ಲಂಡನ್ ಸೋಜಾಗೆ ಹೊಸ ವಿಷಯವನ್ನೇನೂ ಕೊಡಲಿಲ್ಲ. ಗೋವಾದ ಗಾಯವನ್ನು ಎಷ್ಟು ಜೋರಾಗಿ ಹೇಳಬಹುದು ಎಂಬುದನ್ನು ಮಾತ್ರ ತೋರಿಸಿತು. ಎರಡನೇ ಮಹಾಯುದ್ಧ ಮುಗಿದು ದಶಕ ಕಳೆದಿದ್ದ ಆ ಊರಿಗೆ ವಿಕಾರಗೊಂಡ ಮುಖಗಳು ಅಪರಿಚಿತವಲ್ಲ. ಫ್ರಾನ್ಸಿಸ್ ಬೇಕನ್‌ನನ್ನು ನೋಡಿ ಪಳಗಿದ ಕಣ್ಣುಗಳು ಅಲ್ಲಿದ್ದವು. 1958ರ ಗುಗ್ಗೆನ್‌ಹೈಮ್ ಅಂತರರಾಷ್ಟ್ರೀಯ ಪ್ರಶಸ್ತಿಗೆ ಬ್ರಿಟನ್ನಿನ ಪರವಾಗಿ ಆಯ್ಕೆಯಾದ ಐವರಲ್ಲಿ ಈ ಗೋವಾದವರೂ ಒಬ್ಬರು. ಅರವತ್ತರ ದಶಕದ ನಡುವೆ ಅವರು ಬಿಡಿಸಿದ ಕಪ್ಪು ಚಿತ್ರಗಳು ಈ ಘಟ್ಟದ ಅತ್ಯಂತ ಧೈರ್ಯದ ಕೆಲಸ. ಕಪ್ಪಿನ ಮೇಲೆ ಕಪ್ಪನ್ನೇ ದಪ್ಪವಾಗಿ ಬಳಿದ ಇವುಗಳಲ್ಲಿ ಬೆಳಕು ಓರೆಯಾಗಿ ಬಿದ್ದಾಗ ಮಾತ್ರ ಮುಖ, ಮೈ, ಊರು ಮೂಡುತ್ತವೆ. ರೇಖೆಯಿಂದಲೇ ಹೆಸರಾದ ಚಿತ್ರಕಾರ ರೇಖೆಯನ್ನೇ ಕತ್ತಲಲ್ಲಿ ಅದ್ದಿಟ್ಟದ್ದು ಸಣ್ಣ ಸಂಗತಿಯಲ್ಲ. ಆ ದಾರಿಯಲ್ಲಿ ಅವರು ಮುಂದುವರಿಯಲಿಲ್ಲ. 1967ರಲ್ಲಿ ನ್ಯೂಯಾರ್ಕ್‌ಗೆ ಹೋದ ಮೇಲೆ ಪತ್ರಿಕೆಗಳ ಅಚ್ಚಾದ ಪುಟಗಳ ಮೇಲೆ ರಾಸಾಯನಿಕ ಸವರಿ ಶಾಯಿ ಕರಗಿಸಿ ಚಿತ್ರ ಬಿಡಿಸುವ ವಿಧಾನ ಹಿಡಿದರು. ಅದರಲ್ಲಿ ಚುರುಕಿದೆ, ತೂಕ ಕಡಿಮೆ. ಮುಖ, ನಗ್ನ ಮೈ, ಊರು ಎಂಬ ಮೂರು ವಸ್ತುಗಳು ಕೊನೆಯವರೆಗೂ ಮರಳಿ ಮರಳಿ ಬಂದವು. 2002ರಲ್ಲಿ ಮುಂಬೈಯಲ್ಲಿ ತೀರಿಕೊಂಡ ಸೋಜಾರ ಶೈಲಿಗೆ ಮೂರು ದೇಶಗಳ ನೆಲ ಬದಲಾದದ್ದರಿಂದ ಆದ ವ್ಯತ್ಯಾಸ ಅಷ್ಟಕ್ಕಷ್ಟೆ. ಬದಲಾದದ್ದು ನೋಡುವವರು.

ರಝಾರ ಹಾದಿ ಉದ್ದದ್ದು, ಅದಕ್ಕೇ ಹೆಚ್ಚು ಕಲಿಸುವಂಥದ್ದು. ಅವರು 1922ರಲ್ಲಿ ಮಧ್ಯಪ್ರದೇಶದ ಮಂಡ್ಲಾ ಜಿಲ್ಲೆಯ ಬಾಬರಿಯಾದಲ್ಲಿ, ಅರಣ್ಯ ಇಲಾಖೆಯ ನೌಕರರ ಮನೆಯಲ್ಲಿ ಹುಟ್ಟಿದರು. ನಾಗಪುರದಲ್ಲೂ ಬಾಂಬೆಯಲ್ಲೂ ಕಲಿತ ಅವರ ಮೊದಲ ಚಿತ್ರಗಳು ಹಸಿ ಬಣ್ಣ ಹರಿಯಬಿಟ್ಟ ಜಲವರ್ಣಗಳು: ಮಳೆಯ ಬೀದಿ, ಕಾಶ್ಮೀರದ ಊರುಗಳು. ನೋಡಲು ಚೆಂದ, ಆದರೆ ಮೂಳೆಯಿಲ್ಲ. ಇದನ್ನು ನೇರವಾಗಿ ಹೇಳಿದವರು ಛಾಯಾಗ್ರಾಹಕ ಆನ್ರಿ ಕಾರ್ತಿಯೆ ಬ್ರೆಸೋಂ. 1948ರಲ್ಲಿ ಶ್ರೀನಗರದಲ್ಲಿ ರಝಾರ ಚಿತ್ರಗಳನ್ನು ನೋಡಿದ ಅವರು, ಪ್ರತಿಭೆಯಿದೆ, ರಚನೆಯಿಲ್ಲ, ಸೆಜಾನ್‌ನನ್ನು ಅಭ್ಯಾಸ ಮಾಡು ಎಂಬರ್ಥದ ಸಲಹೆ ಕೊಟ್ಟರು. ಎರಡು ವರ್ಷಗಳ ನಂತರ ಫ್ರೆಂಚ್ ಸರ್ಕಾರದ ವಿದ್ಯಾರ್ಥಿವೇತನ ಸಿಕ್ಕಿತು. ಹೊರಡುವ ಹೊತ್ತಿಗೆ ತಾಯಿತಂದೆ ತೀರಿಕೊಂಡಿದ್ದರು; ದೇಶ ವಿಭಜನೆಯಾಗಿ ಒಡಹುಟ್ಟಿದವರು ಪಾಕಿಸ್ತಾನಕ್ಕೆ ಹೋಗಿದ್ದರು. ರಝಾ ಬಿಟ್ಟುಹೋದದ್ದು ಆಗಲೇ ಖಾಲಿಯಾಗಿದ್ದ ಮನೆಯನ್ನು. ಮುಂದೆ ಅವರ ಚಿತ್ರಗಳಲ್ಲಿ ಬರುವ 'ಮನೆ' ನೆನಪಿನಲ್ಲಿ ಕಟ್ಟಿದ್ದಾಗಿರುವುದಕ್ಕೂ ಇದಕ್ಕೂ ಸಂಬಂಧವಿದೆ.

ಪ್ಯಾರಿಸ್‌ನ ಮೊದಲ ವರ್ಷಗಳ ಗೌಶ್ ಚಿತ್ರಗಳಲ್ಲಿ, ಉದಾಹರಣೆಗೆ 1951ರ 'ಓ ದ ಕಾನ್ಯ್'ನಲ್ಲಿ, ಆ ಮೂಳೆ ಬಂದಿದೆ. ಚೌಕ, ತ್ರಿಕೋನಗಳಾಗಿ ನಿಂತ ಮನೆಗಳು, ಮೇಲೊಂದು ಕರಿಯ ಸೂರ್ಯ, ಎಲ್ಲೂ ಮನುಷ್ಯರಿಲ್ಲ. ಐವತ್ತರ ದಶಕದ ನಡುವೆ ಅವರು ತೈಲವರ್ಣಕ್ಕೆ ತಿರುಗಿದರು. ಫ್ರಾನ್ಸಿನ ಹಳ್ಳಿ, ಚರ್ಚು, ಮರಗಳನ್ನು ಪ್ಯಾಲೆಟ್ ನೈಫಿನಿಂದ ದಪ್ಪವಾಗಿ ಮೆತ್ತಿ ಬಿಡಿಸಿದರು. 1956ರಲ್ಲಿ ಪ್ಯಾರಿಸ್ ವಿಮರ್ಶಕರ ಪ್ರಶಸ್ತಿ ಬಂತು. ಫ್ರೆಂಚರಲ್ಲದವರಿಗೆ ಅದು ಸಂದದ್ದು ಅದೇ ಮೊದಲು. ಗ್ಯಾಲರಿಗಳ ದಾರಿ ತೆರೆಯಿತು. ಅಲ್ಲಿಗೆ ನಿಂತಿದ್ದರೆ ರಝಾ 'ಸ್ಕೂಲ್ ಆಫ್ ಪ್ಯಾರಿಸ್' ಎಂಬ ದೊಡ್ಡ ಹಾಜರಿಪಟ್ಟಿಯಲ್ಲಿ ಗೌರವದ ಒಂದು ಹೆಸರಾಗಿ ಉಳಿಯುತ್ತಿದ್ದರು. ಆ ಕಾಲದ ಅವರ ಕೆಲವು ನಿಸರ್ಗಚಿತ್ರಗಳಿಂದ ಸಹಿ ಅಳಿಸಿದರೆ ಚಿತ್ರಕಾರ ಯಾರೆಂದು ಗುರುತಿಸುವುದು ಕಷ್ಟ.

ಮುಂದಿನ ತಿರುವು ಬಂದದ್ದು ಭಾರತದಿಂದಲ್ಲ, ಅಮೆರಿಕದಿಂದ. 1962ರಲ್ಲಿ ಕ್ಯಾಲಿಫೋರ್ನಿಯಾದ ಬರ್ಕ್ಲಿಯಲ್ಲಿ ಪಾಠ ಮಾಡಲು ಹೋದ ರಝಾ ಅಲ್ಲಿ ಮಾರ್ಕ್ ರಾತ್ಕೊ, ಸ್ಯಾಮ್ ಫ್ರಾನ್ಸಿಸ್, ಹಾನ್ಸ್ ಹಾಫ್‌ಮನ್ ಅವರ ಕೆಲಸಗಳನ್ನು ಕಂಡರು. ಬಣ್ಣಕ್ಕೆ ಮನೆ, ಮರದ ಆಸರೆ ಬೇಕಿಲ್ಲ ಎಂದು ತಿಳಿಯಿತು. ಬೇಗ ಒಣಗುವ ಅಕ್ರಿಲಿಕ್ ಕೈಗೆ ಬಂದು ಕುಂಚದ ವೇಗವೂ ಬದಲಾಯಿತು. ಆ ಬಿಡುಗಡೆ ಸಿಕ್ಕ ಮೇಲೆಯೇ ಊರಿನ ನೆನಪು ಕ್ಯಾನ್ವಾಸಿಗೆ ಬಂತು: ಮಂಡ್ಲಾದ ಕಾಡಿನ ರಾತ್ರಿ, ಕತ್ತಲ ಹೆದರಿಕೆ, ಬೆಂಕಿ, ಬೆಳಗಿನ ನಿರಾಳ. 'ತಪೋವನ' (1972), 'ಲಾ ತೇರ್' ಸರಣಿ, ರಾಜಸ್ಥಾನದ ಹೆಸರಿನ ಚಿತ್ರಗಳು ಈ ಘಟ್ಟದವು. ರಾಜಸ್ಥಾನಿ ಮಿನಿಯೇಚರ್‌ಗಳ ಅಂಚುಪಟ್ಟಿ, ಕೋಣೆಕೋಣೆಯ ವಿಭಜನೆ, ಕೆಂಪು ಹಳದಿಗಳ ಉರಿ ಇಲ್ಲಿ ಅಮೆರಿಕದಿಂದ ಬಂದ ಕುಂಚದ ಬೀಸಿನೊಡನೆ ಸೆಣಸುತ್ತವೆ. 1981ರ 'ಮಾ' ಚಿತ್ರದಲ್ಲಿ ದೇವನಾಗರಿಯಲ್ಲಿ ಬರೆದ ಕವಿತೆಯ ಸಾಲು ಬಂತು. 1983ರ 'ಸೌರಾಷ್ಟ್ರ' 2010ರ ಲಂಡನ್ ಹರಾಜಿನಲ್ಲಿ ಸುಮಾರು 24 ಲಕ್ಷ ಪೌಂಡಿಗೆ ಹೋದದ್ದು ಸುದ್ದಿಯಾಯಿತು. ಬೆಲೆಯ ಮಾತು ಹಾಗಿರಲಿ, ಒಂದು ಕೋಣೆಯ ಶಿಸ್ತು ಪಕ್ಕದ ಕೋಣೆಯ ದಾಂಧಲೆಯನ್ನು ತಡೆದು ನಿಲ್ಲಿಸುವ ಬಗೆಯನ್ನು ನೋಡಲು ಅದಕ್ಕಿಂತ ಒಳ್ಳೆಯ ಚಿತ್ರ ಅವರಲ್ಲಿ ಇಲ್ಲ. ಅರವತ್ತರ ಕೊನೆಯಿಂದ ಎಂಬತ್ತರ ಮೊದಲವರೆಗಿನ ಈ ಹದಿನೈದು ವರ್ಷವೇ ರಝಾರ ಉತ್ತಮ ಕಾಲ.

ಆಮೇಲೆ ಬಂದದ್ದು ಬಿಂದು. ಚಂಚಲ ಹುಡುಗನ ಮನಸ್ಸು ನಿಲ್ಲಲೆಂದು ಹಳ್ಳಿಯ ಮೇಷ್ಟ್ರು ಗೋಡೆಯ ಮೇಲೆ ಚುಕ್ಕೆಯಿಟ್ಟು ಅದನ್ನೇ ನೋಡುವಂತೆ ಹೇಳಿದ ಪ್ರಸಂಗವನ್ನು ರಝಾ ಜೀವನದುದ್ದಕ್ಕೂ ಹೇಳುತ್ತಿದ್ದರು. ಈ ಕಥೆಯನ್ನು ಸಂಶಯಿಸಬೇಕಿಲ್ಲ. ಆದರೆ ಬಿಂದುವಿನ ಮೂಲ ಪೂರ್ತಿ ಅಲ್ಲಿದೆ ಎನ್ನುವುದು ಅವಸರದ ಮಾತು. ಅಜಿತ್ ಮುಖರ್ಜಿಯವರ ತಂತ್ರಕಲೆಯ ಪುಸ್ತಕ ಬಂದದ್ದು 1966ರಲ್ಲಿ. ಕೆ. ಸಿ. ಎಸ್. ಪಣಿಕ್ಕರ್, ಬಿರೇನ್ ಡೇ, ಜಿ. ಆರ್. ಸಂತೋಷ್ ಅವರ ಕೈಯಲ್ಲಿ ಯಂತ್ರ, ಮಂಡಲ, ಚಿಹ್ನೆಗಳು ರಝಾರಿಗಿಂತ ಮೊದಲೇ ಆಧುನಿಕ ಚಿತ್ರದ ಪರಿಕರಗಳಾಗಿದ್ದವು. ಅತ್ತ ಅಮೆರಿಕದಲ್ಲಿ ಕೆನೆತ್ ನೋಲಂಡ್ ಐವತ್ತರ ದಶಕದ ಕೊನೆಯಲ್ಲೇ ಒಂದರೊಳಗೊಂದು ವೃತ್ತಗಳನ್ನಿಟ್ಟು ಚಿತ್ರ ಮಾಡಿದ್ದರು. ಮಂಡ್ಲಾದ ಗೋಡೆ, ದೆಹಲಿಯ ನವತಂತ್ರ, ಅಮೆರಿಕದ ಜ್ಯಾಮಿತಿ ಮೂರೂ ಪ್ಯಾರಿಸ್‌ನ ಸ್ಟುಡಿಯೋದಲ್ಲಿ, ದಕ್ಷಿಣ ಫ್ರಾನ್ಸಿನ ಗೋರ್ಬಿಯೊ ಹಳ್ಳಿಯಲ್ಲಿ ಕೂಡಿದವು. ಬೇರಿಗೆ ಮರಳಿದ ಕಲಾವಿದ ಎಂಬ ವರ್ಣನೆ ಈ ಕೂಡಿಕೆಯನ್ನು ಮುಚ್ಚಿಬಿಡುತ್ತದೆ. ರಝಾರ ನಿಜವಾದ ಸಾಧನೆ ಇರುವುದು ಕೂಡಿಕೆಯಲ್ಲೇ.

ಪದಮ್‌ಸಿ ಬಣ್ಣವನ್ನು ಬಿಟ್ಟುಕೊಡುವ ಮೂಲಕ ಮುಂದೆ ಹೋದರು. 1960ರ ಆಸುಪಾಸಿನ ಅವರ ಬೂದುಬಣ್ಣದ ದೊಡ್ಡ ಕ್ಯಾನ್ವಾಸ್‌ಗಳು ಭಾರತೀಯ ಚಿತ್ರವೆಂದರೆ ರಂಗುರಂಗಾಗಿರಬೇಕು ಎಂಬ ನಿರೀಕ್ಷೆಯನ್ನು ತಳ್ಳಿಹಾಕಿದವು. ಎಪ್ಪತ್ತರ ದಶಕದ 'ಮೆಟಾಸ್ಕೇಪ್' ಚಿತ್ರಗಳಿಗೆ ಶಾಕುಂತಲದ ನಾಂದಿ ಪದ್ಯದ ಸೂರ್ಯಚಂದ್ರರ ಕಲ್ಪನೆ ಪ್ರೇರಣೆ. ಇದೇ ಒಡನಾಟದ ರಾಮ್‌ಕುಮಾರ್ ಪ್ಯಾರಿಸ್‌ನಲ್ಲಿ ಆಂದ್ರೆ ಲೋತ್, ಫೆರ್ನಾಂ ಲೆಜೆ ಅವರ ಬಳಿ ಕಲಿತು ಖಿನ್ನಮುಖದ ನಗರವಾಸಿಗಳನ್ನು ಬಿಡಿಸಿದರು. ಅವರ ಕೈ ಪಳಗಿದ್ದು ಹುಸೇನರೊಂದಿಗೆ ಬನಾರಸ್‌ಗೆ ಹೋಗಿ ಮನುಷ್ಯರನ್ನು ಚಿತ್ರದಿಂದ ಹೊರಗಿಟ್ಟ ಮೇಲೆ.

ಹೆಚ್ಚು ಗಮನ ಬೇಡುವವರು ತಯ್ಯಬ್ ಮೆಹ್ತಾ. ಲಂಡನ್‌ನಲ್ಲಿ ಐದು ವರ್ಷ, 1968ರಲ್ಲಿ ಫೆಲೋಶಿಪ್ ಮೇಲೆ ನ್ಯೂಯಾರ್ಕ್: ಅವರ ಪರದೇಶವಾಸ ಇಷ್ಟೇ. ನ್ಯೂಯಾರ್ಕ್‌ನಲ್ಲಿ ಬಾರ್ನೆಟ್ ನ್ಯೂಮನ್‌ನ ಸಪಾಟು ಬಣ್ಣದ ಹರವು ಕಂಡು ಬಂದ ಅವರು ಒಂದು ದಿನ ಕ್ಯಾನ್ವಾಸನ್ನು ಮೂಲೆಯಿಂದ ಮೂಲೆಗೆ ಕರ್ಣರೇಖೆಯಿಂದ ಸೀಳಿದರು. ನ್ಯೂಮನ್‌ಗೆ ಮನುಷ್ಯಾಕೃತಿ ಬೇಕಿರಲಿಲ್ಲ, ತಯ್ಯಬ್‌ಗೆ ಬೇಕಿತ್ತು. ವಿಭಜನೆಯ ಗಲಭೆಯಲ್ಲಿ ಬೀದಿಯಲ್ಲಿ ಕೊಂದದ್ದನ್ನು ಕಣ್ಣಾರೆ ಕಂಡಿದ್ದ ಅವರಲ್ಲಿ ಆ ಸೀಳು ಆಕೃತಿಗಳನ್ನೇ ಕತ್ತರಿಸಿತು. ಬೀಳುವ ಮನುಷ್ಯ, ಕಟ್ಟಿಹಾಕಿದ ಗೂಳಿ, ಕೊನೆಗೆ ಕಾಳಿ ಮತ್ತು ಮಹಿಷ ಎಲ್ಲರೂ ಈ ಒಡೆದ ಹರವಿನಲ್ಲಿ ಬಂದರು. ಎರವಲು ತಂದದ್ದನ್ನು ಇಷ್ಟು ಪೂರ್ತಿಯಾಗಿ ಸ್ವಂತ ಮಾಡಿಕೊಂಡ ಇನ್ನೊಂದು ಉದಾಹರಣೆ ಈ ಪಂಥದಲ್ಲಿ ಸಿಗದು. ಪರದೇಶದಲ್ಲಿ ಎಷ್ಟು ವರ್ಷ ಇದ್ದರು ಎಂಬುದು ಇಲ್ಲಿ ಅಳತೆಗೋಲಲ್ಲ.

ಗುಂಪಿನ ಹೊರಗೆ ನಿಂತು ಅದೇ ಕಾಲದಲ್ಲಿ ಪ್ಯಾರಿಸ್ ಕಂಡವರು ಉಡುಪಿ ಬಳಿಯ ಕಟ್ಟಿಂಗೇರಿಯ ಕೆ. ಕೆ. ಹೆಬ್ಬಾರ್. 1949-50ರಲ್ಲಿ ಅಕಾದೆಮಿ ಜೂಲಿಯಾನ್‌ನಲ್ಲಿ ಕಲಿತು ಅವರು ಬಾಂಬೆಗೆ ಮರಳಿದರು. ಕಥಕ್ ಅಭ್ಯಾಸ ಮಾಡಿದ್ದ ಅವರ ರೇಖೆಗೆ ನೃತ್ಯದ ಲಯ ಮೊದಲೇ ಒದಗಿತ್ತು. ಪ್ಯಾರಿಸ್ ಅವರ ಬಣ್ಣದ ಮೇಲ್ಮೈಯನ್ನು ಗಟ್ಟಿ ಮಾಡಿತು, ರೇಖೆಯ ತಂಟೆಗೆ ಬರಲಿಲ್ಲ. ಬಿಟ್ಟುಬಂದದ್ದನ್ನು ಚಿಹ್ನೆಯಾಗಿ ಮರಳಿ ಪಡೆಯುವ ಅಗತ್ಯ ಅವರಿಗೆ ಬೀಳಲಿಲ್ಲ. ರಝಾರಲ್ಲಿರುವ ಒಳತೋಟಿ ಅವರಲ್ಲಿ ಕಾಣದಿರುವುದಕ್ಕೂ ಅದೇ ಕಾರಣವಿರಬಹುದು.

ಈ ಪಂಥದ ಮೇಲಿನ ದೊಡ್ಡ ಆಕ್ಷೇಪ ಅನುಕರಣೆಯದು. 1963ರಲ್ಲಿ ಜೆ. ಸ್ವಾಮಿನಾಥನ್ ಮುಂದಾಳತ್ವದ 'ಗ್ರೂಪ್ 1890' ರವಿವರ್ಮನ ವಾಸ್ತವಿಕತೆ, ಬಂಗಾಳದ ಭಾವುಕತೆಗಳ ಜೊತೆಗೆ ಯುರೋಪಿನಿಂದ ಎರವಲು ತಂದ ಕಲಬೆರಕೆ ಶೈಲಿಯನ್ನೂ ತಿರಸ್ಕರಿಸಿತು. ಸೋಜಾರ ಕೆಲವು ಮುಖಗಳ ಮುಂದೆ, ರಝಾರ ಐವತ್ತರ ದಶಕದ ಹಳ್ಳಿಗಳ ಮುಂದೆ ಈ ಮಾತು ನಿಲ್ಲುತ್ತದೆ. ಇನ್ನೊಂದು ಮಗ್ಗುಲನ್ನು ತೋರಿಸಿದವರು ಕಲಾ ಇತಿಹಾಸಕಾರ ಪಾರ್ಥ ಮಿತ್ತರ್: ಪಿಕಾಸೊ ಆಫ್ರಿಕಾದಿಂದ ಪಡೆದರೆ ಅದು ಪ್ರತಿಭೆ, ಪೂರ್ವದವರು ಪಿಕಾಸೊನಿಂದ ಪಡೆದರೆ ನಕಲು ಎಂಬ ತಾರತಮ್ಯವನ್ನು ಅವರು ಎತ್ತಿ ತೋರಿದ್ದಾರೆ. ತಾರತಮ್ಯವಿದೆ, ನಿಜ. ಹಾಗೆಂದು ಪ್ರತಿ ಎರವಲೂ ಸಮರ್ಥನೀಯವಾಗುವುದಿಲ್ಲ.

ಆದರೆ ಈ ಚಿತ್ರಕಾರರ ನಿಜವಾದ ದೌರ್ಬಲ್ಯ ಎರವಲಿನಲ್ಲಿಲ್ಲ, ಶೈಲಿ ಸಿಕ್ಕ ಮೇಲಿನ ವರ್ಷಗಳಲ್ಲಿದೆ. ತೊಂಬತ್ತರ ದಶಕದಿಂದ ರಝಾರ ಬಿಂದು, ಅಂಕುರಣ, ಪಂಚತತ್ತ್ವಗಳ ಚಿತ್ರಗಳು ಒಂದರ ಹಿಂದೊಂದು ಬಂದವು. ಅಂಚು ಶುದ್ಧ, ಬಣ್ಣ ಶುದ್ಧ, ಸೆಣಸಾಟ ಮಾತ್ರ ಕಾಣೆ. ಅದೇ ಹೊತ್ತಿಗೆ ಭಾರತೀಯ ಕಲೆಯ ಹರಾಜು ಮಾರುಕಟ್ಟೆ ಬೆಳೆಯಿತು, ದೂರದಿಂದಲೇ ಗುರುತು ಹಿಡಿಯಬಲ್ಲ ಸಹಿ ಅದಕ್ಕೆ ಬೇಕಿತ್ತು. ಪತ್ನಿ ಜಾನಿನ್ ಮೊಂಜಿಲಾ 2002ರಲ್ಲಿ ತೀರಿಕೊಂಡ ಮೇಲೆ, 2010ರ ಕೊನೆಗೆ ರಝಾ ದೆಹಲಿಗೆ ಬಂದು ನೆಲೆಸಿದರು. 2016ರಲ್ಲಿ ತೀರಿಕೊಂಡಾಗ ಮಂಡ್ಲಾದಲ್ಲಿ ತಂದೆಯ ಸಮಾಧಿಯ ಪಕ್ಕ ಅವರನ್ನು ಮಣ್ಣು ಮಾಡಲಾಯಿತು. ಬದುಕಿನ ಈ ಮರಳುವಿಕೆಯನ್ನು ಚಿತ್ರಗಳಿಗೂ ಅನ್ವಯಿಸಿ ಬಿಂದುವೇ ಶಿಖರವೆಂದು ಹೇಳುವ ಬರಹಗಳು ಬಹಳ ಬಂದಿವೆ. ಕ್ಯಾನ್ವಾಸ್‌ಗಳನ್ನು ಸಾಲಾಗಿ ಇಟ್ಟು ನೋಡಿದರೆ ಹಾಗೆ ಕಾಣುವುದಿಲ್ಲ.

ಮುಂದಿನ ತಲೆಮಾರಿಗೆ ಪ್ರಶ್ನೆಯೇ ಬೇರೆಯಾಯಿತು. ಬರೋಡಾದ ಗುಲಾಂ ಮೊಹಮ್ಮದ್ ಶೇಖ್ ಅರವತ್ತರ ದಶಕದಲ್ಲಿ ಲಂಡನ್‌ನ ರಾಯಲ್ ಕಾಲೇಜಿನಲ್ಲಿ ಕಲಿತು ಬಂದರು. ಊರಿಗೆ ಮರಳುವುದನ್ನೇ ವಸ್ತುವಾಗಿಸಿದ ಅವರ ಚಿತ್ರದಲ್ಲಿ ಚಿಹ್ನೆಯ ಬದಲು ಮನೆ, ಮಸೀದಿ, ವಯಸ್ಸಾದ ತಾಯಿ ಇದ್ದಾರೆ. 1981ರ 'ಪ್ಲೇಸ್ ಫಾರ್ ಪೀಪಲ್' ಪ್ರದರ್ಶನದಲ್ಲಿ ಶೇಖ್, ಭೂಪೇನ್ ಖಕ್ಕರ್, ಸುಧೀರ್ ಪಟವರ್ಧನ್ ಮೊದಲಾದ ಆರು ಮಂದಿ ಕತೆ ಹೇಳುವ, ಜನ ತುಂಬಿದ ಚಿತ್ರಗಳನ್ನು ಮುಂದಿಟ್ಟರು. ರೂಪದ ಶುದ್ಧಿಗಾಗಿ ಹುಡುಕಿದ ಪ್ರೋಗ್ರೆಸಿವ್‌ಗಳ ಹಾದಿಯನ್ನು ಅವರು ಹಿಡಿಯಲಿಲ್ಲ. ಎಲ್ಲಿಂದ ಬೇಕಾದರೂ ಎರವಲು ಪಡೆಯುವ ಸ್ವಾತಂತ್ರ್ಯವನ್ನು ಮಾತ್ರ ಪ್ರೋಗ್ರೆಸಿವ್‌ಗಳಿಂದಲೇ ಪಡೆದರು. ಶೇಖ್‌ರ ಒಂದೇ ಚಿತ್ರದಲ್ಲಿ ಸಿಯೆನಾದ ಗೋಡೆಚಿತ್ರವೂ ಮೊಘಲ್ ಮಿನಿಯೇಚರ್ ಕೂಡ ಯಾರ ಅಪ್ಪಣೆಗೂ ಕಾಯದೆ ಒಟ್ಟಿಗೆ ಬರುತ್ತವೆ.