ಏಕಿನ್ಸನ ಹುಟ್ಟುಗಾರ: ಗೆಲವಿಲ್ಲದ ಗೆದ್ದವನ ಚಿತ್ರ

ಅಮೆರಿಕದ ಚಿತ್ರಕಾರ ಥಾಮಸ್ ಏಕಿನ್ಸನು (1844–1916) 1871ರಲ್ಲಿ ರಚಿಸಿದ, ಒಂಟಿದೋಣಿಯಲ್ಲಿ ಕುಳಿತ ಮ್ಯಾಕ್ಸ್ ಶ್ಮಿಟ್‌ನ ತೈಲಚಿತ್ರವನ್ನು ವಿಮರ್ಶಕರು ನೀರು ಬೆಳಕುಗಳ ನಿರೂಪಣೆಗಾಗಿ ಕೊಂಡಾಡುವುದುಂಟು. ಇತಿಹಾಸದ ವಿದ್ಯಾರ್ಥಿಗೆ ಅದರಲ್ಲಿ ಬೇರೊಂದು ಪ್ರಶ್ನೆಯಿದೆ. ಗೆದ್ದವನ ಈ ಚಿತ್ರದಲ್ಲಿ ಗೆಲವು ಎಲ್ಲಿದೆ?

ಶ್ಮಿಟ್ ಚಿತ್ರಕಾರನ ಶಾಲಾದಿನಗಳ ಗೆಳೆಯ. 1870ರ ಅಕ್ಟೋಬರಿನಲ್ಲಿ ಫಿಲಡೆಲ್ಫಿಯದ ಸ್ಕೂಲ್‌ಕಿಲ್ ನದಿಯಲ್ಲಿ ನಡೆದ ಸ್ಪರ್ಧೆಯಲ್ಲಿ ಆತ ಜಯಶಾಲಿಯಾದನು. ಚಿತ್ರದಲ್ಲಾದರೋ ಪ್ರತಿಸ್ಪರ್ಧಿಗಳಿಲ್ಲ, ಜಯಘೋಷ ಮಾಡುವ ಜನಸಂದಣಿಯಿಲ್ಲ. ಹುಟ್ಟು ಹಾಕುವುದನ್ನು ನಿಲ್ಲಿಸಿ ಆತ ನಮ್ಮತ್ತ ಹೊರಳಿ ನೋಡುತ್ತಿದ್ದಾನೆ, ಅಷ್ಟೆ. ಹಿಂದೆ ಸೇತುವೆಗಳು, ಒಂದು ಹೊಗೆದೋಣಿ. ಅವು ಆ ಕಾಲದ ಫಿಲಡೆಲ್ಫಿಯವನ್ನು ಗುರುತಿಸಿಕೊಡುವ ಸಾಕ್ಷಿಗಳು. ಪ್ಯಾರಿಸಿನಲ್ಲಿ ಏಕಿನ್ಸನಿಗೆ ಗುರುವಾಗಿದ್ದ ಜೆರೋಮನು ದೇಹಬಲವನ್ನು ತೋರಲು ರೋಮಿನ ಮಲ್ಲರಂಗಕ್ಕೆ ಹೋದವನು. ಶಿಷ್ಯನು ಊರಿಗೆ ಮರಳಿದ ಮರುವರ್ಷವೇ ಆ ವೇಷವನ್ನೆಲ್ಲ ಕಳಚಿ, ತನ್ನೂರಿನ ಹೊಳೆಯೇ ಸಾಕೆಂದನು. ಇದು ಸಣ್ಣ ಧೈರ್ಯವಲ್ಲ.

ನಡುದೂರದಲ್ಲಿ ಬೆನ್ನು ಬಗ್ಗಿಸಿ ಹುಟ್ಟು ಹಾಕುತ್ತಿರುವ ಮತ್ತೊಬ್ಬನು ಸ್ವಯಂ ಏಕಿನ್ಸ್. ತನ್ನ ಹೆಸರನ್ನೂ ವರ್ಷವನ್ನೂ ಆತ ಆ ದೋಣಿಯ ಮೇಲೆಯೇ ಬರೆದಿದ್ದಾನೆ. ಇದನ್ನು ಕೇವಲ ಸ್ನೇಹದ ಗುರುತೆಂದು ಭಾವಿಸಿದರೆ ಸಾಲದೆಂದು ನನಗೆ ತೋರುತ್ತದೆ. ಹುಟ್ಟುಗಾರನ ದುಡಿಮೆಯನ್ನು ಸ್ವತಃ ಬಲ್ಲವನೇ ಅವನನ್ನು ಚಿತ್ರಿಸಲು ಅಧಿಕಾರಿ ಎಂಬ ವಾದ ಅಲ್ಲಿ ಅಡಗಿದೆ. ಆಂಡಿ ವಾರ್ಹಾಲನು 1977ರಲ್ಲಿ ಮುಹಮ್ಮದ್ ಅಲಿಯೇ ಮೊದಲಾದ ಹತ್ತು ಮಂದಿ ಕ್ರೀಡಾಪಟುಗಳನ್ನು ಚಿತ್ರಿಸಿದಾಗ ಇಂಥ ಅಧಿಕಾರ ಬೇಕಾಗಲಿಲ್ಲ. ಪೋಲರಾಯ್ಡ್ ಛಾಯಾಚಿತ್ರದಿಂದ ಪರದೆಮುದ್ರಣಕ್ಕೆ ಇಳಿದ ಆ ಮುಖಗಳಲ್ಲಿ ಕೀರ್ತಿಯೇ ವಸ್ತು, ಶ್ರಮ ಕಾಣದು. ತನ್ನ ಕಾಲಕ್ಕೆ ಅದೂ ಪ್ರಾಮಾಣಿಕ ದಾಖಲೆಯೇ, ಆದರೆ ಬಡ ದಾಖಲೆ.

ಏಕಿನ್ಸನಲ್ಲಿಯೂ ಕೊರತೆಯಿಲ್ಲದಿಲ್ಲ. ಅಳತೆಯ ಕಟ್ಟುನಿಟ್ಟಿನಲ್ಲಿ ನೀರು ಗಾಜಿನಂತೆ ಬಿಗಿದುಕೊಂಡಿದೆ. ಶ್ಮಿಟ್ ದೋಣಿ ನಡೆಸಿಕೊಂಡು ಬಂದವನಂತಲ್ಲ, ಅಲ್ಲಿ ತಂದಿರಿಸಿದವನಂತೆ ಕಾಣುತ್ತಾನೆ. ಮುಖವಂತೂ ತೀರ ಚಿಕ್ಕದು. ಇದು ಭಾವಚಿತ್ರವೇ ಎಂದು ಯಾರಾದರೂ ಶಂಕಿಸಿದರೆ ತಪ್ಪೆನ್ನಲಾಗದು.

ಈ ಶಂಕೆಗೆ ಚಿತ್ರದ ಹೆಸರೂ ಎಡೆಗೊಡುತ್ತದೆ. 1871ರಲ್ಲಿ ಪ್ರದರ್ಶನಕ್ಕಿಟ್ಟಾಗ ಅದರ ಶೀರ್ಷಿಕೆಯಲ್ಲಿ ಇದ್ದುದು ಒಂಟಿದೋಣಿಯ ವಿಜೇತನೆಂಬ ಪದವಿ; ವ್ಯಕ್ತಿಯ ಹೆಸರಲ್ಲ. 1934ರಲ್ಲಿ ಚಿತ್ರವನ್ನು ಕೊಂಡ ನ್ಯೂಯಾರ್ಕಿನ ಮೆಟ್ರೊಪಾಲಿಟನ್ ವಸ್ತುಸಂಗ್ರಹಾಲಯ ಈಗ ಎರಡನ್ನೂ ಒಟ್ಟಿಗೆ ನಮೂದಿಸುತ್ತದೆ. ಶ್ಮಿಟ್‌ನ ಹೆಸರು ಆವರಣದೊಳಗಿದೆ.