ಸಾಬರು ಎಂಬ ಒಂದೇ ಮಾತು

ಮಲೆನಾಡಿನ ಮಳೆಗಾಲದಲ್ಲಿ ಹೊತ್ತು ಎಷ್ಟಾಯಿತೆಂದು ತಿಳಿಯುವುದು ಕಷ್ಟ. ನಾನು ಕೊಪ್ಪಕ್ಕೆ ಕನ್ನಡ ಅಧ್ಯಾಪಕನಾಗಿ ಬಂದ ಮೊದಲ ವರ್ಷ, ಸೂರ್ಯನ ಮುಖವೇ ಕಾಣದ ಆಷಾಢದ ದಿನಗಳಲ್ಲಿ, ಮಧ್ಯಾಹ್ನ ಕಳೆದು ಸಂಜೆಯಾಗುತ್ತ ಬಂದಿತೆಂಬುದು ನನಗೆ ಮಸೀದಿಯ ಬಾಂಗಿನಿಂದಲೇ ಗೊತ್ತಾಗುತ್ತಿತ್ತು. ಆದರೆ ಬಾಂಗು ಎರಡು. ಒಂದು ಕೇಳಿಸಿ ಮುಕ್ಕಾಲು ಗಂಟೆಯಾದ ಮೇಲೆ ಇನ್ನೊಂದು ದಿಕ್ಕಿನಿಂದ ಇನ್ನೊಂದು. ಎರಡನೆಯ ಮಸೀದಿಯ ಗಡಿಯಾರ ನಿಧಾನವಿರಬೇಕೆಂದು ನಾನು ಸಹೋದ್ಯೋಗಿಗಳೊಡನೆ ನಗೆಯಾಡಿದ್ದೂ ಉಂಟು. ಸಂಜೆಯ ಆ ನಮಾಜಿನ ವೇಳೆ ವಸ್ತುವಿನ ನೆರಳು ಅದರಷ್ಟೇ ಉದ್ದವಾದಾಗ ಆರಂಭವಾಗುತ್ತದೆಂದು ಶಾಫಿ ಪಂಥದವರೂ, ನೆರಳು ಎರಡರಷ್ಟಾದಾಗ ಎಂದು ಹನಫಿ ಪಂಥದವರೂ ಎಣಿಸುತ್ತಾರೆಂಬುದು ನನಗೆ ತಿಳಿದದ್ದು ಎಷ್ಟೋ ವರ್ಷಗಳ ಮೇಲೆ. ಗಡಿಯಾರ ಸರಿಯಾಗಿಯೇ ಇತ್ತು. ಕೆಟ್ಟಿದ್ದದ್ದು ನನ್ನ ತಿಳಿವಳಿಕೆ.

ಈ ಮಾತನ್ನು ಸಾಹಿತ್ಯದ ಪುಟದಲ್ಲಿ ಏಕೆ ಎತ್ತಿದೆನೆಂದು ಓದುಗರು ಕೇಳಬಹುದು. ನನ್ನ ಅದೇ ಅಜ್ಞಾನ ತರಗತಿಯಲ್ಲಿ ಒಂದು ಒಳ್ಳೆಯ ಕಾದಂಬರಿಯನ್ನು ಕೆಡಿಸಿತೆಂಬುದೇ ಕಾರಣ. ಸಾರಾ ಅಬೂಬಕ್ಕರ್ ಅವರ ‘ಚಂದ್ರಗಿರಿಯ ತೀರದಲ್ಲಿ’ ಕಾದಂಬರಿಯ ಪಾಠ ನಡೆದಿತ್ತು. ನಾದಿರಾಳ ಕಥೆಯನ್ನು ಹೇಳಿ, ‘ಇಸ್ಲಾಮಿನ ಕಾನೂನು ಹೀಗೆ’ ಎಂದು ಒಂದೇ ವಾಕ್ಯದಲ್ಲಿ ಮುಗಿಸಿ ನಾನು ಮುಂದಕ್ಕೆ ಹೊರಟಿದ್ದೆ. ಹಿಂದಿನ ಸಾಲಿನ ಹುಡುಗಿಯೊಬ್ಬಳು ಎದ್ದು ನಿಂತಳು. ಘಟ್ಟದ ಕೆಳಗಿನಿಂದ ಬಂದು ನರಸಿಂಹರಾಜಪುರದ ಕಡೆ ನೆಲೆಸಿದ ಮನೆತನದವಳು. ‘ಸಾರ್, ನಾದಿರಾ ಯಾವ ಮದ್‌ಹಬಿನವಳು?’ ಎಂದಳು. ಮುಸ್ಲಿಮಳು ಎಂದರೆ ಸಾಲದೇ ಎಂದೆ. ‘ಸಾಲದು ಸಾರ್’ ಎಂದು ಹೇಳಿ ಕುಳಿತಳು. ಆ ಎರಡು ಪದಗಳಿಗೆ ಉತ್ತರ ಹುಡುಕುತ್ತ ಹೋದದ್ದರ ಫಲ ಈ ಲೇಖನ.

ಮೊದಲು ನಮ್ಮ ನೆಲದ ಮಾತು. ಶೃಂಗೇರಿಯಿಂದ ಪಡುವಣಕ್ಕೆ ಕೆರೆಕಟ್ಟೆಯ ಮೇಲೆ ಕಾರ್ಕಳಕ್ಕೆ ಇಳಿಯುವ ದಾರಿಯಿದೆ. ಕೊಪ್ಪದವರಿಗೆ ಆಗುಂಬೆಯ ಘಾಟಿಯೂ ದೂರವಲ್ಲ. ಈ ದಾರಿಗಳನ್ನು ಹತ್ತಿ ಬಂದವರು ಬ್ಯಾರಿಗಳು. ಮನೆಮಾತು ಬ್ಯಾರಿ, ಧರ್ಮಶಾಸ್ತ್ರದಲ್ಲಿ, 820ರಲ್ಲಿ ತೀರಿಕೊಂಡ ಇಮಾಮ್ ಶಾಫಿಯವರ ಅನುಯಾಯಿಗಳು. ಅರಬ್ಬೀ ಸಮುದ್ರದ ಹಡಗಿನ ವ್ಯಾಪಾರದೊಡನೆ ಕರಾವಳಿಗೆ ಬಂದ ಪಂಥ ಅದು. ನರಸಿಂಹರಾಜಪುರವಾದರೋ ಮೂಡಣಕ್ಕೆ, ತರೀಕೆರೆ ಶಿವಮೊಗ್ಗಗಳ ಬಯಲಿಗೆ ಮುಖ ಮಾಡಿದ ಊರು. ಎಡೆಹಳ್ಳಿ ಎಂಬುದು ಅದರ ಹಳೆಯ ಹೆಸರು. 1915ರಲ್ಲಿ ಯುವರಾಜರ ಹೆಸರು ಅದಕ್ಕೆ ಬಂದಿತು. ಆ ಬಯಲ ಸೀಮೆಯಿಂದ ಬಂದವರ ಮನೆಮಾತು ದಖನಿ ಉರ್ದು. ಅವರು 767ರಲ್ಲಿ ತೀರಿಕೊಂಡ ಇಮಾಮ್ ಅಬೂ ಹನೀಫಾ ಅವರ ಪಂಥದವರು. ಇಬ್ಬರೂ ಸುನ್ನಿಗಳೇ, ಒಬ್ಬರ ಹಿಂದೆ ಇನ್ನೊಬ್ಬರು ನಿಂತು ನಮಾಜು ಮಾಡುವುದಕ್ಕೆ ಅಡ್ಡಿಯಿಲ್ಲ. ಆದರೂ ಸಂಜೆಯ ಬಾಂಗು ಬೇರೆ, ಊಟದ ಎಲೆ ಬೇರೆ. ಕರಾವಳಿಯವರು ಮರುವಾಯಿಯನ್ನು ಪ್ರೀತಿಯಿಂದ ತಿಂದರೆ, ನೀರಿನ ಜೀವಿಗಳಲ್ಲಿ ಮೀನನ್ನು ಮಾತ್ರ ಒಪ್ಪುವ ಹನಫಿ ಮನೆಯಲ್ಲಿ ಅದು ಒಲೆ ಏರದು.

ಹೀಗೆ ಎರಡು ದಾರಿಗಳು ಕೂಡುವ ಈ ನಾಡನ್ನು ಬರೆದ ನಮ್ಮ ಕಾದಂಬರಿಕಾರರು ಏನು ಕಂಡರು? ಕುವೆಂಪು ಹುಟ್ಟಿದ್ದು ಕೊಪ್ಪ ತಾಲ್ಲೂಕಿನ ಹಿರೇಕೊಡಿಗೆಯಲ್ಲಿ, 1904ರಲ್ಲಿ. 1967ರ ‘ಮಲೆಗಳಲ್ಲಿ ಮದುಮಗಳು’ ಕಾದಂಬರಿಯಲ್ಲಿ ಅವರ ಕಿವಿ ಎಷ್ಟು ಸೂಕ್ಷ್ಮ! ಗೌಡ, ಸೆಟ್ಟಿ, ಹಳೆಪೈಕ, ಬಿಲ್ಲವ, ಬೇಲ, ಹೊಲೆಯ, ಒಬ್ಬೊಬ್ಬರಿಗೂ ಬೇರೆ ನಡೆ, ಬೇರೆ ನುಡಿ. ಗುತ್ತಿಯ ಹುಲಿಯನೆಂಬ ನಾಯಿಗೂ ತನ್ನದೇ ವ್ಯಕ್ತಿತ್ವ. ಅಂಥ ಕಿವಿಗೆ ಮೇಗರವಳ್ಳಿಯ ಆಸುಪಾಸಿನ ಸಾಬರು ಮಾತ್ರ ಸಾಬರಾಗಿಯೇ ಕೇಳಿಸಿದರು. ಅಡ್ಡಹೆಸರುಗಳಿಂದ ಒಬ್ಬನನ್ನು ಇನ್ನೊಬ್ಬನಿಂದ ಬೇರ್ಪಡಿಸುತ್ತಾರೆಯೇ ಹೊರತು, ಅವರ ಮನೆಯೊಳಗಿನ ದೀಪದವರೆಗೆ ಕಾದಂಬರಿ ಹೋಗುವುದಿಲ್ಲ. ಇದು ಮಹಾಕವಿಯ ಮೇಲಿನ ಆಪಾದನೆಯಲ್ಲ. ಹೆಗ್ಗಡೆಗಳ ಮನೆಯ ಜಗಲಿಯ ಮೇಲೆ ಕುಳಿತವನಿಗೆ ಅಂಗಳದಾಚೆ ಕಾಣಿಸುತ್ತಿದ್ದದ್ದು ಅಷ್ಟೇ.

ತೇಜಸ್ವಿಯವರಲ್ಲಿ ನೋಟ ಒಂದು ಹೆಜ್ಜೆ ಹತ್ತಿರ ಬಂದಿದೆ. 1985ರ ‘ಚಿದಂಬರ ರಹಸ್ಯ’ದಲ್ಲಿ ಬರುವ ವ್ಯಾಪಾರಿ ಬರಿಯ ಸಾಬಿಯಲ್ಲ, ಸುಲೇಮಾನ್ ಬ್ಯಾರಿ. ಆ ಒಂದು ಪದದಲ್ಲಿ ಅವನು ಹತ್ತಿ ಬಂದ ಘಟ್ಟ, ಅವನ ಭಾಷೆ, ಅವನ ಕಸುಬು ಎಲ್ಲವೂ ಇವೆ. ಆದರೆ ಅಲ್ಲಿಯೂ ಬ್ಯಾರಿತನ ವ್ಯಾಪಾರದ ಗುರುತಾಗಿ ಉಳಿಯುತ್ತದೆ, ಧರ್ಮದ ಒಳಕವಲಾಗಿ ಬೆಳೆಯುವುದಿಲ್ಲ. ಅಂಗಡಿಯ ಬಾಗಿಲು ನಮಗೆ ತೆರೆಯಿತು; ಮನೆಯ ಬಾಗಿಲು ತೆರೆಯಬೇಕಾದರೆ ಒಳಗಿನವರೇ ಬರೆಯಬೇಕಾಯಿತು.

ಈಗ ನಾದಿರಾಳ ಕಥೆಗೆ ಬರೋಣ. ಕಾಸರಗೋಡಿನ ಚಂದ್ರಗಿರಿ ಹೊಳೆಯ ದಡ. ಹಠಮಾರಿ ತಂದೆ ಮಹಮ್ಮದ್ ಖಾನ್. ಮಗಳನ್ನು ಗಂಡ ರಶೀದನಿಂದ ಬೇರ್ಪಡಿಸಿ ತಲಾಖಿನವರೆಗೆ ಒಯ್ಯುವ ಅವನ ದರ್ಪ. ಮತ್ತೆ ಅದೇ ಗಂಡನನ್ನು ಸೇರಬೇಕಾದರೆ ನಡುವೆ ಇನ್ನೊಬ್ಬನನ್ನು ಒಂದು ರಾತ್ರಿಯ ಮಟ್ಟಿಗೆ ಮದುವೆಯಾಗಬೇಕು. ಆ ರಾತ್ರಿಯನ್ನು ಒಲ್ಲದ ನಾದಿರಾ ಮಸೀದಿಯ ಕೆರೆಯ ಪಾಲಾಗುತ್ತಾಳೆ. 1980ರ ದಶಕದ ಆರಂಭದಲ್ಲಿ ಈ ಕೃತಿ ಬಂದಾಗ ಮೆಚ್ಚಿದವರೂ ಕೋಪಿಸಿಕೊಂಡವರೂ ಒಂದೇ ಮಾತಿನಿಂದ ಹೊರಟರು. ಮೆಚ್ಚಿದವರು ‘ಇಸ್ಲಾಮಿನ ಕ್ರೌರ್ಯ ಬಯಲಾಯಿತು’ ಎಂದರು. ಕೋಪಿಸಿಕೊಂಡವರು ‘ಇಸ್ಲಾಮಿಗೆ ಅವಮಾನವಾಯಿತು’ ಎಂದರು. ಇಬ್ಬರಿಗೂ ಇಸ್ಲಾಂ ಒಂದೇ ಅಖಂಡ ಬಂಡೆ.

ಕವಲುಗಳನ್ನು ಮುಂದಿಟ್ಟುಕೊಂಡು ಕಥೆಯನ್ನು ಓದಿ ನೋಡಿ. ಒಂದೇ ಉಸಿರಿಗೆ ಹೇಳಿದ ಮೂರು ತಲಾಖನ್ನು ಮೂರೆಂದೇ ಎಣಿಸುವುದು ಸುನ್ನಿಗಳ ನಾಲ್ಕು ಮದ್‌ಹಬುಗಳ ರೂಢಿ. ಅಹ್ಲೆ ಹದೀಸ್ ಪಂಥದವರು ಅದನ್ನು ಒಂದೆಂದು ಎಣಿಸುತ್ತಾರೆ. ಅವಧಿಯೊಳಗೆ ಗಂಡ ಹೆಂಡತಿಯನ್ನು ಮರಳಿ ಕರೆದುಕೊಳ್ಳಬಹುದು. ಹನ್ನೆರಡು ಇಮಾಮರನ್ನು ನಂಬುವ ಶಿಯಾಗಳಲ್ಲಿ ಇಬ್ಬರು ನ್ಯಾಯವಂತ ಸಾಕ್ಷಿಗಳಿಲ್ಲದೆ ತಲಾಖೇ ಇಲ್ಲ. ಮೂರನ್ನು ಒಟ್ಟಿಗೆ ಹೇಳಿದರೂ ಅದು ಮೂರಾಗುವುದಿಲ್ಲ. ಎಂದರೆ ನಾದಿರಾ ಗೌರಿಬಿದನೂರು ತಾಲ್ಲೂಕಿನ ಶಿಯಾ ಗ್ರಾಮವಾದ ಅಲೀಪುರದಲ್ಲಿ ಹುಟ್ಟಿದ್ದರೆ ಈ ಕಾದಂಬರಿ ಇರುತ್ತಲೇ ಇರಲಿಲ್ಲ. ಅವಳನ್ನು ಕೆರೆಯವರೆಗೆ ನಡೆಸಿಕೊಂಡು ಹೋದದ್ದು ಇಡೀ ಇಸ್ಲಾಮಲ್ಲ. ಅದರ ಒಂದು ಕವಲಿನ ಒಂದು ತೀರ್ಮಾನ, ಮತ್ತು ಆ ತೀರ್ಮಾನವನ್ನು ಊರು ಬಳಸಿಕೊಂಡ ಬಗೆ.

ಬಳಸಿಕೊಂಡ ಬಗೆ ಎಂಬ ಮಾತನ್ನು ಬೇಕೆಂದೇ ಹೇಳಿದೆ. ಕಾಸರಗೋಡಿನ ಮುಸ್ಲಿಮರು ಬಹುಪಾಲು ಶಾಫಿಗಳು. ಶಾಫಿ ಶಾಸ್ತ್ರದಲ್ಲಿ ಹೆಣ್ಣಿಗೆ ಮದುವೆಯ ಪೋಷಕನಾದ ‘ವಲಿ’ ಇಲ್ಲದೆ ಮದುವೆಯಿಲ್ಲ. ಕನ್ಯೆಯಾದ ಮಗಳ ಮೇಲೆ ತಂದೆಗೆ ದೊಡ್ಡ ಅಧಿಕಾರ. ವಯಸ್ಸಿಗೆ ಬಂದ ಹೆಣ್ಣು ತನ್ನ ಮದುವೆಯನ್ನು ತಾನೇ ಮಾಡಿಕೊಳ್ಳಬಹುದೆಂಬ ಹನಫಿ ಮತ ಅಲ್ಲಿಲ್ಲ. ಮಹಮ್ಮದ್ ಖಾನನ ದರ್ಪ ಬೆಳೆದದ್ದು ಇಂಥ ನೆಲದಲ್ಲಿ. ಆದರೆ ಅದೇ ಶಾಫಿ ಶಾಸ್ತ್ರ ಒಮ್ಮೆ ಸಂಸಾರ ಮಾಡಿದ ಹೆಣ್ಣಿನ ಮರುಮದುವೆಗೆ ಅವಳ ಬಾಯಿಂದಲೇ ಒಪ್ಪಿಗೆ ಬೇಕೆನ್ನುತ್ತದೆ. ಬಿಟ್ಟುಬಿಡುತ್ತೇನೆಂಬ ಕರಾರನ್ನು ಮದುವೆಯ ಒಪ್ಪಂದದಲ್ಲೇ ಸೇರಿಸಿದರೆ ಆ ಮದುವೆಯೇ ಊರ್ಜಿತವಲ್ಲವೆನ್ನುತ್ತದೆ. ಹೀಗೆ ಮದುವೆಯ ನಾಟಕ ಆಡುವವರನ್ನು ಪ್ರವಾದಿಯವರು ಶಪಿಸಿದರೆಂಬ ಹದೀಸೂ ಉಂಟು. ತಂದೆಯ ಅಧಿಕಾರವನ್ನು ಹೇಳುವ ಪುಟವನ್ನು ಊರು ಬಾಯಿಪಾಠ ಮಾಡಿತು. ಮಗಳ ಒಪ್ಪಿಗೆಯನ್ನು ಹೇಳುವ ಪುಟವನ್ನು ಮಡಿಸಿಟ್ಟಿತು. ಈ ದೃಷ್ಟಿಯಿಂದ ನೋಡಿದರೆ ನಾದಿರಾಳ ದುರಂತ ಹಗುರವಾಗುವುದಿಲ್ಲ, ಇನ್ನೂ ಭಾರವಾಗುತ್ತದೆ. ಬೇರೆ ದಾರಿ ಇಲ್ಲದೆ ಸತ್ತವಳಿಗಿಂತ, ಇದ್ದ ದಾರಿಯನ್ನು ಯಾರೂ ತೋರಿಸದೆ ಸತ್ತವಳ ಸಾವು ಹೆಚ್ಚು ನೋಯಿಸುವಂಥದು. ಮೂರು ತಲಾಖನ್ನು ಸರ್ವೋಚ್ಚ ನ್ಯಾಯಾಲಯ 2017ರಲ್ಲಿ ಅಸಿಂಧುವೆಂದಿತು. 2019ರ ಕಾಯಿದೆ ಅದನ್ನು ಅಪರಾಧವಾಗಿಸಿತು. ಆದರೂ ಕಾದಂಬರಿ ಹಳತಾಗಿಲ್ಲ. ಮಡಿಸಿಟ್ಟ ಪುಟಗಳ ಪ್ರಶ್ನೆ ಹಾಗೆಯೇ ಉಳಿದಿದೆ.

ಬಾನು ಮುಷ್ತಾಕರ ‘ಕರಿನಾಗರಗಳು’ ಕಥೆ ಈ ಮಾತಿಗೆ ಘಟ್ಟದ ಮೇಲಿನ ಸಾಕ್ಷಿ. ಹಾಸನದ ಈ ಲೇಖಕಿಯ ಕಥೆಗಳ ದೀಪಾ ಭಾಸ್ತಿಯವರ ಇಂಗ್ಲಿಷ್ ಅನುವಾದಕ್ಕೆ 2025ರಲ್ಲಿ ಅಂತಾರಾಷ್ಟ್ರೀಯ ಬೂಕರ್ ಪ್ರಶಸ್ತಿ ಬಂದಮೇಲೆ ಅವರ ಹೆಸರನ್ನು ಎಲ್ಲರೂ ಬಲ್ಲರು. ಅವರ ಪಾತ್ರಗಳದು ದಖನಿ ಉರ್ದುವಿನ ಲೋಕ. ಕಾಸರಗೋಡಿನ ಲೋಕಕ್ಕೂ ಅದಕ್ಕೂ ಭಾಷೆ ಬೇರೆ, ಮದ್‌ಹಬ್ ಬೇರೆ. ಗಂಡ ಕೈಬಿಟ್ಟ ಹೆಂಗಸು ಮಕ್ಕಳೊಡನೆ ಮಸೀದಿಗೆ ಬಂದು ಮುತವಲ್ಲಿಯಿಂದ ನ್ಯಾಯ ಕೇಳುವಾಗ ಅಲ್ಲಿಯೂ ಅದೇ ಮಡಿಸಿದ ಪುಟ! ಹನಫಿಯಾದರೇನು, ಶಾಫಿಯಾದರೇನು, ಪುಸ್ತಕದ ಬೀಗದ ಕೈ ಗಂಡಸಿನ ಸೊಂಟದಲ್ಲಿದೆ. ಕವಲುಗಳು ಎಲ್ಲಿ ಬೇರೆಯಾಗುತ್ತವೆಂದು ತಿಳಿದವನಿಗೆ ಮಾತ್ರ ಅವು ಎಲ್ಲಿ ಒಂದಾಗುತ್ತವೆಂಬುದೂ ಕಾಣಿಸುತ್ತದೆ. ಸಾರಾ ಮತ್ತು ಬಾನು ಇಬ್ಬರನ್ನೂ ‘ಮುಸ್ಲಿಂ ಲೇಖಕಿಯರು’ ಎಂಬ ಒಂದೇ ಕಂತೆಗೆ ಕಟ್ಟಿದ ನಮ್ಮ ವಿಮರ್ಶೆಗೆ ಈ ಹೋಲಿಕೆಯ ಬೆಲೆ ತಿಳಿಯಲಿಲ್ಲ.

ಇಲ್ಲಿಗೆ ಶೃಂಗೇರಿಯ ಒಂದು ಸಂಗತಿಯನ್ನೂ ಸೇರಿಸಬೇಕು. 1791ರಲ್ಲಿ ಮರಾಠರ ದಂಡು ಮಠವನ್ನು ಸೂರೆಗೈದಾಗ ಟಿಪ್ಪು ಸುಲ್ತಾನ ಜಗದ್ಗುರುಗಳಿಗೆ ಕನ್ನಡದಲ್ಲಿ ಬರೆಸಿದ ಪತ್ರಗಳು ಮಠದಲ್ಲಿದ್ದು, 1916ರಲ್ಲಿ ಬೆಳಕಿಗೆ ಬಂದವು. ಅವನ್ನು ಎಲ್ಲರೂ ಉದಾಹರಿಸುತ್ತಾರೆ. ಅದೇ ದಶಕದಲ್ಲಿ ಅದೇ ಸುಲ್ತಾನ, ಜೌನಪುರದ ಸಯ್ಯದ್ ಮಹಮ್ಮದರನ್ನು ಮಹದಿ ಎಂದು ನಂಬುವ ಮಹದವಿ ಪಂಥದ ಮುಸ್ಲಿಮರನ್ನು ತನ್ನ ರಾಜ್ಯದಿಂದ ಹೊರಗಟ್ಟಿದ ಸಂಗತಿಯನ್ನು ನೆನೆಯುವವರು ಕಡಮೆ. ಶಂಕರ ಮಠದ ಆಶೀರ್ವಾದವನ್ನು ಕೋರಿದ ಕೈಯೇ ಸ್ವಧರ್ಮದ ಒಂದು ಕವಲನ್ನು ತಳ್ಳಿತು. ‘ಹಿಂದೂ–ಮುಸ್ಲಿಂ’ ಎಂಬ ಎರಡೇ ಕೋಣೆಗಳಲ್ಲಿ ಚರಿತ್ರೆಯನ್ನು ತುಂಬಿಡುವವರಿಗೆ ಈ ಎರಡು ಸಂಗತಿಗಳು ಒಟ್ಟಿಗೆ ಹಿಡಿಸುವುದಿಲ್ಲ.

ಇದಕ್ಕೆ ವಿರುದ್ಧವಾದ ಸಂಗತಿಯೂ ಉಂಟು. 680ರಲ್ಲಿ ಕರ್ಬಲಾದಲ್ಲಿ ಮಡಿದ ಹುಸೇನರ ಶೋಕ ಶಿಯಾಗಳ ಹೃದಯಸ್ಥಾನ. ನಮ್ಮ ಉತ್ತರದ ಜಿಲ್ಲೆಗಳಲ್ಲಾದರೋ ಸುನ್ನಿಗಳೂ, ಅವರಿಗಿಂತ ಹೆಚ್ಚಾಗಿ ಹಿಂದೂಗಳೂ ಅಲಾವಿಯ ಬೆಂಕಿಯ ಸುತ್ತ ಕುಣಿದು ಅದನ್ನು ಕನ್ನಡದಲ್ಲಿ ಹಾಡುತ್ತಾರೆ. ಶಾಸ್ತ್ರ ಕೊರೆದ ಗೆರೆಯನ್ನು ಹಾಡು ದಾಟಿತು. ನಮ್ಮ ಪಕ್ಕದ ತರೀಕೆರೆ ತಾಲ್ಲೂಕಿನವರಾದ ರಹಮತ್ ತರೀಕೆರೆಯವರು ಸೂಫಿಗಳನ್ನೂ ಮೊಹರಮ್ಮನ್ನೂ ಕುರಿತು ಊರೂರು ತಿರುಗಿ ಬರೆದ ಗ್ರಂಥಗಳು ಕನ್ನಡ ವಿದ್ವತ್ತಿನ ಈ ಕೊರತೆಯನ್ನು ಬಹುಮಟ್ಟಿಗೆ ತುಂಬಿವೆ. ಕಥೆ ಕಾದಂಬರಿಗಳ ವಿಮರ್ಶೆ ಮಾತ್ರ ಅವನ್ನು ಇನ್ನೂ ಸರಿಯಾಗಿ ಬಳಸಿಕೊಂಡಿಲ್ಲ.

ಒಂದು ಎಚ್ಚರಿಕೆಯನ್ನು ಹೇಳದಿದ್ದರೆ ನಾನೇ ಹಳ್ಳ ತೋಡಿದಂತಾಗುತ್ತದೆ. ‘ಸೂಫಿ ಒಳ್ಳೆಯವನು, ಸಲಫಿ ಕೆಟ್ಟವನು’ ಎಂಬ ಸುಲಭ ತೀರ್ಪು ಈಗ ಬಾಯಿಂದ ಬಾಯಿಗೆ ಓಡಾಡುತ್ತಿದೆ. ದರ್ಗಾ ಬೇಡವೆನ್ನುವ ಅಹ್ಲೆ ಹದೀಸ್ ಪಂಥವೇ ತಲಾಖಿನ ವಿಷಯದಲ್ಲಿ ನಾದಿರಾಳ ಪರವಾಗಿ ನಿಲ್ಲುತ್ತದೆಂಬುದನ್ನು ಮೇಲೆ ಕಂಡೆವು. ಕವಲುಗಳ ಹೆಸರನ್ನು ಕಲಿಯುವುದು ಮನುಷ್ಯರಿಗೆ ಹೊಸ ಚೀಟಿ ಅಂಟಿಸುವುದಕ್ಕಲ್ಲ, ಹಳೆಯ ಚೀಟಿಯನ್ನು ಕೀಳುವುದಕ್ಕೆ.

ಮರುವರ್ಷ ಅದೇ ಕಾದಂಬರಿಯನ್ನು ಮತ್ತೆ ಪಾಠ ಮಾಡಿದೆ. ‘ನಾದಿರಾ ಶಾಫಿ ಪಂಥದ ಮನೆಯವಳು’ ಎಂಬ ವಾಕ್ಯದಿಂದ ಆರಂಭಿಸಿದೆ. ತರಗತಿಯ ಅರ್ಧ ಮಂದಿ ಹಾಗೆಂದರೇನೆಂದು ಕೇಳಿದರು. ಉಳಿದರ್ಧದಲ್ಲಿ ಇಬ್ಬರು ಮೂವರು ತಾವೇ ಉತ್ತರ ಹೇಳಲು ಎದ್ದರು, ಒಬ್ಬರ ಉತ್ತರವನ್ನು ಇನ್ನೊಬ್ಬರು ತಿದ್ದಿದರು. ಗಂಟೆ ಹೊಡೆದದ್ದು ನನಗೆ ಕೇಳಿಸಲಿಲ್ಲ. ಹೊರಗೆ ಮಳೆ ಹಿಡಿದಿತ್ತು. ಎರಡು ಬಾಂಗುಗಳ ನಡುವಿನ ಆ ಮುಕ್ಕಾಲು ಗಂಟೆ ಹೇಗೆ ಕಳೆಯಿತೋ ತಿಳಿಯಲಿಲ್ಲ.