ಸಮ್ಮತಿ ಯಾರದು? ದಯಾಮರಣದ ಕಾನೂನು ಮತ್ತು ಸೊನ್ನಲಿಗೆಯ ಸಾವಿನ ಕಥನಗಳು

ಸೊಲ್ಲಾಪುರದ ಸಿದ್ಧೇಶ್ವರ ಕೆರೆಯ ದಂಡೆಯಲ್ಲಿ ‘ಸಮ್ಮತಿ ಕಟ್ಟೆ’ ಎಂಬ ಸ್ಥಳವಿದೆ. ಪ್ರತಿ ಜನವರಿಯಲ್ಲಿ, ಸಂಕ್ರಾಂತಿಯ ಹಿಂದಿನ ದಿನ, ನಂದಿಧ್ವಜಗಳು ಮೆರವಣಿಗೆಯಲ್ಲಿ ಇಲ್ಲಿಗೆ ಬರುತ್ತವೆ. ಸಮ್ಮತಿ ವಾಚನವಾಗುತ್ತದೆ; ನೆರೆದ ಜನ ಅಕ್ಷತೆ ಎರಚುತ್ತಾರೆ. ಸಿದ್ಧರಾಮನನ್ನು ವರಿಸಬಯಸಿದ ಕುಂಬಾರ ಕನ್ಯೆಗೂ ಅವನ ಯೋಗದಂಡಕ್ಕೂ ನಡೆದ ಮದುವೆಯ ಸ್ಮರಣೆ ಅದು. ಮರುದಿನ ಹೋಮಕುಂಡದಲ್ಲಿ ಆ ಕನ್ಯೆಯ ಸಾಂಕೇತಿಕ ರೂಪಕ್ಕೆ ಅಗ್ನಿಸ್ಪರ್ಶವಾಗುತ್ತದೆ; ಅವಳು ಬೆಂಕಿ ಪ್ರವೇಶಿಸಿದಳೆಂಬುದು ಸ್ಥಳೀಯ ಐತಿಹ್ಯ. ಹೀಗೆ ‘ಸಮ್ಮತಿ’ ಎಂಬ ಪದವೂ ಒಬ್ಬ ಹೆಣ್ಣಿನ ಸಾವೂ ಒಂದೇ ಉತ್ಸವದ ಎರಡು ದಿನಗಳಲ್ಲಿ ಅಕ್ಕಪಕ್ಕ ನಿಲ್ಲುತ್ತವೆ.

ದಯಾಮರಣವನ್ನು ಕುರಿತ ಭಾರತೀಯ ಕಾನೂನು ನಿಂತಿರುವುದೂ ಇದೇ ಪದದ ಮೇಲೆ. ಆದರೆ ಕಾನೂನು ಮುಖ್ಯವಾಗಿ ಕೇಳುವುದು ಸಾವು ಹೇಗೆ ಬಂತು ಎಂದು: ಕೃತ್ಯದಿಂದಲೋ, ಚಿಕಿತ್ಸೆಯನ್ನು ನಿಲ್ಲಿಸಿದ್ದರಿಂದಲೋ? ಸೊನ್ನಲಿಗೆಯ ಕಥನಗಳು ಕೇಳುವ ಪ್ರಶ್ನೆ ಬೇರೆ: ಆ ಮಾತನ್ನು ಆಡಿದವರು ಯಾರು, ಕೇಳಿಸಿಕೊಂಡವರು ಯಾರು? ಎರಡನ್ನೂ ಜೊತೆಗಿಟ್ಟು ಓದಿದಾಗ ಕಾನೂನಿನ ಒಂದು ಕೊರತೆ ಕಾಣಿಸುತ್ತದೆ. ರೋಗಿಯ ಮಾತು ಒಂದು ಭಾಷೆಯಲ್ಲಿ, ಆಸ್ಪತ್ರೆಯ ಮಾತು ಇನ್ನೊಂದರಲ್ಲಿ, ಕಾಗದ ಮೂರನೆಯದರಲ್ಲಿ ಇರುವ ಸೊಲ್ಲಾಪುರ, ಅಕ್ಕಲಕೋಟೆಗಳಂಥ ಗಡಿನಾಡಿನಲ್ಲಿ ಅದು ಇನ್ನಷ್ಟು ಸ್ಪಷ್ಟ.

೧

ಮೊದಲು ಪದಗಳು. ಗ್ರೀಕ್ ಮೂಲದ ‘ಯುಥನೇಸಿಯಾ’ದ ಅರ್ಥ ಒಳ್ಳೆಯ ಸಾವು, ಅದರಲ್ಲಿ ಕೊಡುವವರೂ ಇಲ್ಲ, ಬಯಸುವವರೂ ಇಲ್ಲ. ಕನ್ನಡ, ಮರಾಠಿಗಳೆರಡೂ ಬಳಸುವ ‘ದಯಾಮರಣ’ದಲ್ಲಿ ಕರ್ತೃ ದಯೆ ತೋರುವವರು, ಸಾಯುವವರು ಅದನ್ನು ಪಡೆಯುವವರು ಮಾತ್ರ. ಎರಡೂ ಭಾಷೆಗಳಲ್ಲಿರುವ ಇನ್ನೊಂದು ಪದ ‘ಇಚ್ಛಾಮರಣ’ ಇದಕ್ಕೆ ತದ್ವಿರುದ್ಧ. ಅದು ಭೀಷ್ಮನಿಗೆ ದೊರೆತ ವರ. ಶರಶಯ್ಯೆಯಲ್ಲಿಯೂ ಮಾತು ಕಳೆದುಕೊಳ್ಳದವನ ಹಿರಿಮೆ. ವೆಂಟಿಲೇಟರ್ ಅಳವಡಿಸಿದ, ಪ್ರಜ್ಞೆ ಮರಳದ ರೋಗಿಗೆ ಇವೆರಡೂ ಹೊಂದುವುದಿಲ್ಲ: ಒಂದು ಅವನ ಇಚ್ಛೆಯನ್ನು ಅಳಿಸುತ್ತದೆ, ಇನ್ನೊಂದು ಅವನಲ್ಲಿ ಇಲ್ಲದ ಶಕ್ತಿಯನ್ನು ಊಹಿಸುತ್ತದೆ.

‘ಸಮಾಧಿ’ಯ ಹರಹು ಇನ್ನೂ ದೊಡ್ಡದು. ಸೊಲ್ಲಾಪುರದಲ್ಲಿ ಅದು ಸಿದ್ಧರಾಮನು ತಾನಾಗಿ ಕೈಗೊಂಡನೆಂದು ಪರಂಪರೆ ನಂಬುವ ಯೋಗಸಮಾಧಿ. ಅಕ್ಕಲಕೋಟೆಯಲ್ಲಿ ಅದು 1878ರಲ್ಲಿ ದೇಹ ಬಿಟ್ಟ ಸ್ವಾಮಿ ಸಮರ್ಥರ ನಿರ್ಗಮನಕ್ಕೆ ಸಲ್ಲುವ ಗೌರವದ ಮಾತು, ಜೊತೆಗೆ ಭಕ್ತರು ದರ್ಶನಕ್ಕೆ ಬರುವ ಮಠದ ಹೆಸರು. ಆರಿಸಿಕೊಂಡ ಸಾವು, ತಾನಾಗಿ ಬಂದ ಸಾವು, ಸಮಾಧಿಯ ಕಟ್ಟಡ ಈ ಮೂರಕ್ಕೂ ಒಂದೇ ಹೆಸರು. ಈ ಹಿಗ್ಗುವಿಕೆಯಿಂದ ಪದಕ್ಕೆ ಪಾವಿತ್ರ್ಯ ದಕ್ಕಿದೆ. ಆದರೆ ಸಾವನ್ನು ಆರಿಸಿದವರು ಯಾರು ಎಂಬ ಪ್ರಶ್ನೆ ಅದರಲ್ಲಿ ಕರಗಿಹೋಗಿದೆ.

‘ಲಿವಿಂಗ್ ವಿಲ್’ ಅನುವಾದದ ತೊಡಕು ಇನ್ನೊಂದು ಬಗೆಯದು. ಕನ್ನಡದ ‘ಉಯಿಲು’ ಆಸ್ತಿಯ ಪಾಲನ್ನು ನೆನಪಿಸುತ್ತದೆ. ಅದೇ ಅರ್ಥದ ‘ಮರಣಶಾಸನ’ಕ್ಕೆ ಆಡುಮಾತಿನಲ್ಲಿ ಸಾವಿನ ತೀರ್ಪು ಎಂಬ ಧ್ವನಿಯೂ ಇದೆ. ಮರಾಠಿಯ ‘ಮೃತ್ಯುಪತ್ರ’ ಇದರ ನೆರೆಯದು. ‘ಇಚ್ಛಾಪತ್ರ’ ಮಾತ್ರ ಬರೆಯುವವರ ಇಚ್ಛೆಯನ್ನು ಮುಂದಿಡುತ್ತದೆ. ಮನೆಯ ಹಿರಿಯರ ಮುಂದೆ ಮಗನೊಬ್ಬ ಈ ಕಾಗದವನ್ನು ಹಿಡಿದಾಗ ಅದು ಅವರ ಮಾತಾಗಿ ಕೇಳುವುದೋ, ಅವರ ಮೇಲಿನ ತೀರ್ಪಾಗಿ ಕೇಳುವುದೋ ಎಂಬುದನ್ನು ಪದವೇ ಅರ್ಧ ನಿರ್ಧರಿಸಿಬಿಡುತ್ತದೆ.

೨

ಕಾನೂನಿನ ಹಾದಿ ಸುತ್ತುಬಳಸಿನದು. 1986ರಲ್ಲಿ ಮಾರುತಿ ಶ್ರೀಪತಿ ದುಬಾಳ್ ಪ್ರಕರಣದಲ್ಲಿ ಬಾಂಬೆ ಹೈಕೋರ್ಟ್ ಆತ್ಮಹತ್ಯೆಯ ಯತ್ನವನ್ನು ಶಿಕ್ಷಿಸುವ ಭಾರತೀಯ ದಂಡಸಂಹಿತೆಯ 309ನೇ ಕಲಮನ್ನು ಅಸಾಂವಿಧಾನಿಕವೆಂದಿತು. ಆದರೆ ದಯಾಮರಣವನ್ನು ಅದು ಬೇರೆಯಾಗಿಯೇ ಇಟ್ಟಿತು: ಆತ್ಮಹತ್ಯೆ ಸ್ವಂತದ ಕೃತ್ಯ, ದಯಾಮರಣದಲ್ಲಿ ಇನ್ನೊಬ್ಬರ ಕೈ ಇದೆ. 1994ರಲ್ಲಿ ಪಿ. ರತಿನಂ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಕೂಡ ಆ ಕಲಮನ್ನು ರದ್ದುಗೊಳಿಸಿತು. 1996ರ ಗ್ಯಾನ್ ಕೌರ್ ತೀರ್ಪಿನಲ್ಲಿ ಸಂವಿಧಾನ ಪೀಠ ಅದನ್ನು ಮತ್ತೆ ಎತ್ತಿಹಿಡಿಯಿತು. 2018ರ ಮಾರ್ಚ್ 9ರಂದು ಕಾಮನ್ ಕಾಸ್ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳು ಘನತೆಯಿಂದ ಸಾಯುವ ಹಕ್ಕು 21ನೇ ವಿಧಿಯೊಳಗೇ ಇದೆ ಎಂದು ಹೇಳಿ, ನಿಷ್ಕ್ರಿಯ ದಯಾಮರಣಕ್ಕೂ ಮುಂಗಡ ವೈದ್ಯಕೀಯ ನಿರ್ದೇಶನಕ್ಕೂ ದಾರಿ ತೆರೆದರು. ಸಾಯಲು ಸಾಧನ ಒದಗಿಸುವುದು ಈಗಲೂ ಅಪರಾಧವೇ. 1997ರಿಂದ ಆರೆಗಾನ್‌ನಲ್ಲಿ, 2002ರಿಂದ ನೆದರ್‌ಲ್ಯಾಂಡ್ಸ್‌ನಲ್ಲಿ ಕಾನೂನು ದಾಟಿರುವ ಗೆರೆಯನ್ನು ಭಾರತ ದಾಟಿಲ್ಲ.

ಈ ತೀರ್ಪುಗಳ ಸಾಹಿತ್ಯಪ್ರೀತಿ ಗಮನಿಸುವಂಥದು. 2011ರ ಅರುಣಾ ಶಾನಭಾಗ್ ತೀರ್ಪು ಆರಂಭವಾಗುವುದೇ ಗಾಲಿಬನ ದ್ವಿಪದಿಯಿಂದ. 2018ರ ತೀರ್ಪಿನಲ್ಲಿ ಎಪಿಕ್ಯೂರಸ್, ಟೆನಿಸನ್ ಬರುತ್ತಾರೆ. ಆದರೆ ಅಲ್ಲಿ ಕಾವ್ಯಕ್ಕೆ ಇರುವುದು ಅಲಂಕಾರದ ಸ್ಥಾನ. ವಾದದ ಭಾರವನ್ನು ಹೊರುವುದು ಸಕ್ರಿಯ, ನಿಷ್ಕ್ರಿಯ ಎಂಬ ವಿಭಜನೆ. ಸಾಯಲೆಂದೇ ಚಿಕಿತ್ಸೆ ನಿಲ್ಲಿಸುವುದಕ್ಕೂ ಸಾಯಲೆಂದು ಮದ್ದು ಕೊಡುವುದಕ್ಕೂ ನೈತಿಕವಾಗಿ ಅಂತರವೇನು ಎಂದು ಜೇಮ್ಸ್ ರೇಚಲ್ಸ್ 1975ರಲ್ಲಿಯೇ ಕೇಳಿದ್ದನು. ಆ ಪ್ರಶ್ನೆಗೆ ಪೂರ್ಣ ಉತ್ತರ ಇನ್ನೂ ದೊರೆತಿಲ್ಲ. ಕಾವ್ಯವನ್ನು ಅಲಂಕಾರವಾಗಿ ಅಲ್ಲದೆ ವಾದವಾಗಿ ಓದಿದರೆ ಬೇರೊಂದು ವಿಭಜನೆ ಸಿಗಬಹುದೇ?

೩

ರಾಘವಾಂಕನ ‘ಸಿದ್ಧರಾಮ ಚರಿತ್ರೆ’ ಅಂಥದೊಂದನ್ನು ಕೊಡುತ್ತದೆ. ದನ ಕಾಯುವ ಬಾಲಕನಿಗೆ ಮಲ್ಲಯ್ಯ ಎದುರಾಗುತ್ತಾನೆ, ಹಸಿವೆಂದು ಕೇಳುತ್ತಾನೆ. ಹುಡುಗ ಮನೆಯಿಂದ ಉಣಿಸು ತರುವಷ್ಟರಲ್ಲಿ ಅವನಿಲ್ಲ. ಯಾತ್ರಿಕರ ಬೆನ್ನುಹತ್ತಿ ಶ್ರೀಶೈಲಕ್ಕೆ ಹೋದರೆ, ಇವನೇ ಮಲ್ಲಯ್ಯನೆಂದು ಅಲ್ಲಿನವರು ಲಿಂಗವನ್ನು ತೋರಿಸುತ್ತಾರೆ; ತಾನು ಕಂಡವನು ಇವನಲ್ಲವೆಂದು ಹುಡುಗ ಅಳುತ್ತ ಅಲೆಯುತ್ತಾನೆ. ಕೊನೆಗೆ ಕಮರಿಗೆ ಬೀಳಲು ಮುಂದಾದಾಗ ದೇವರು ಬಂದು ಹಿಡಿಯುತ್ತಾನೆ. ಬದುಕಿಸಿ ಸೊನ್ನಲಿಗೆಗೆ ಕಳಿಸುತ್ತಾನೆ. ಆ ಹುಡುಗನೇ ಮುಂದೆ ಕೆರೆ ಕಟ್ಟಿಸಿದ ಕಾಯಕಯೋಗಿ; ಅವನ ಬಾಳಿನ ಇನ್ನೊಂದು ತುದಿಯಲ್ಲಿ ಪರಂಪರೆ ಹೇಳುವ ಸಮಾಧಿಯಿದೆ.

ಒಂದೇ ಬಾಳಿನಲ್ಲಿ ಸ್ವಂತ ಇಚ್ಛೆಯ ಸಾವು ಎರಡು ಬಾರಿ ಎದುರಾಗುತ್ತದೆ. ಮೊದಲನೆಯದನ್ನು ಕಥನ ತಡೆಯುತ್ತದೆ, ಎರಡನೆಯದಕ್ಕೆ ತಲೆಬಾಗುತ್ತದೆ. ಸಕ್ರಿಯ, ನಿಷ್ಕ್ರಿಯ ಎಂಬ ಅಳತೆಯಿಂದ ಈ ಭೇದವನ್ನು ವಿವರಿಸಲಾಗದು; ಎರಡೂ ಅವನದೇ ನಿರ್ಧಾರಗಳು. ಅಂತರವಿರುವುದು ಮಾತು ಹುಟ್ಟಿದ ಸ್ಥಿತಿಯಲ್ಲಿ. ಕಮರಿಯ ಅಂಚಿನಲ್ಲಿ ನಿಂತ ಹುಡುಗನ ಕೂಗು ಯಾರಿಗೂ ಮುಟ್ಟಿಲ್ಲ. ಸುತ್ತಲಿನವರು ತಮಗೆ ತಿಳಿದ ಉತ್ತರವನ್ನೇ ಅವನಿಗೆ ತೋರಿಸಿದ್ದಾರೆ. ಅವನು ಬಯಸುತ್ತಿರುವುದು ಸಾವನ್ನಲ್ಲ, ಓಗೊಡುವ ದನಿಯನ್ನು. ಸಮಾಧಿಯ ಹೊತ್ತಿಗೆ ಅವನ ಸುತ್ತ ಒಂದು ಊರೇ ಇದೆ. ಅವನ ಮಾತಿಗೆ ಕೇಳುಗರಿದ್ದಾರೆ, ಕೆಲಸ ಮುಗಿದಿದೆ. ಕೈಬಿಡಲ್ಪಟ್ಟವನ ಸಾವು, ಕೈಹಿಡಿಸಿಕೊಂಡವನ ನಿರ್ಗಮನ: ಕಥನ ಎಳೆಯುವ ಗೆರೆ ಇದು.

2017ರ ಮಾನಸಿಕ ಆರೋಗ್ಯ ಆರೈಕೆ ಕಾಯಿದೆಯ 115ನೇ ಕಲಮು ಈ ಗೆರೆಯ ಸಮೀಪ ಬರುತ್ತದೆ. ಆತ್ಮಹತ್ಯೆಗೆ ಯತ್ನಿಸಿದವರು ತೀವ್ರ ಒತ್ತಡದಲ್ಲಿದ್ದರೆಂದು ಅದು ಭಾವಿಸುತ್ತದೆ; ಅವರಿಗೆ ಆರೈಕೆ, ಪುನರ್ವಸತಿ ಒದಗಿಸುವ ಹೊಣೆಯನ್ನು ಸರ್ಕಾರಕ್ಕೆ ಹೊರಿಸುತ್ತದೆ. ಕಮರಿಯಲ್ಲಿ ಹಿಡಿದ ಕೈಯ ಶಾಸನರೂಪವೆಂದೇ ಇದನ್ನು ಓದಬಹುದು. ಆದರೆ ಆಸ್ಪತ್ರೆಯ ತೀವ್ರ ನಿಗಾ ಘಟಕದ ಕಾನೂನಿಗೆ ಇಂಥ ಕಿವಿ ಇನ್ನೂ ಬಂದಿಲ್ಲ.

೪

ಈ ಓದಿಗೆ ಗಟ್ಟಿಯಾದ ಆಕ್ಷೇಪವೊಂದುಂಟು. ಸಂತನ ಸಮಾಧಿಯನ್ನು ಮಾದರಿಯಾಗಿಟ್ಟರೆ, ತಾನು ಮನೆಗೆ ಭಾರವೆಂದು ನಂಬಿಸಲ್ಪಟ್ಟ ವೃದ್ಧೆಯ ಹಿಂಜರಿಕೆಯೂ ‘ಸಮ್ಮತಿ’ಯಾಗಿ ದಾಖಲಾಗಬಹುದಲ್ಲವೇ? ಆಕ್ಷೇಪಕ್ಕೆ ಪುರಾವೆ ಸೊಲ್ಲಾಪುರದಲ್ಲಿಯೇ ಇದೆ. ಕುಂಬಾರ ಕನ್ಯೆಯ ಐತಿಹ್ಯದಲ್ಲಿ ಅವಳ ಬಯಕೆ ಮದುವೆ. ಅದಕ್ಕೆ ಸಿಕ್ಕ ಉತ್ತರ ಒಂದು ದಂಡ. ಆಮೇಲೆ ಅವಳು ಬೆಂಕಿಗಿಳಿದದ್ದು ಅವಳ ಇಚ್ಛೆಯೆಂದು ಹೇಳುವವರು ಇತರರು. ಸಿದ್ಧರಾಮನ ವಚನಗಳು ಉಳಿದಿವೆ. ಅವಳ ಹೆಸರಿನ ಜಾಗದಲ್ಲಿ ಜಾತಿಕಸುಬಿನ ಹೆಸರಷ್ಟೇ ಉಳಿದಿದೆ. ಆದ್ದರಿಂದ ಸಿದ್ಧರಾಮನ ಕಥನವನ್ನು ಅವಳ ಕಥನವಿಲ್ಲದೆ ಓದಬಾರದು. ಮೊದಲನೆಯದು ಕೇಳಿಸಿಕೊಂಡ ಮಾತಿನ ಘನತೆಯನ್ನು ತೋರಿದರೆ, ಎರಡನೆಯದು ಇತರರು ಆಡಿದ ಸಮ್ಮತಿಯ ಅಪಾಯವನ್ನು ತೋರುತ್ತದೆ.

ಈ ಅಪಾಯ ನ್ಯಾಯಾಲಯದ ಮುಂದೆ ನೇರವಾಗಿ ಬಂದದ್ದು ಅರುಣಾ ಶಾನಭಾಗ್ ಪ್ರಕರಣದಲ್ಲಿ. ಉತ್ತರ ಕನ್ನಡದ ಹಳದೀಪುರದಿಂದ ಮುಂಬಯಿಗೆ ಹೋಗಿ ಕೆಇಎಂ ಆಸ್ಪತ್ರೆಯಲ್ಲಿ ದಾದಿಯಾಗಿದ್ದ ಆಕೆ 1973ರ ನವೆಂಬರ್ 27ರ ಹಲ್ಲೆಯ ನಂತರ ಮತ್ತೆ ಮಾತನಾಡಲಿಲ್ಲ. ಆಕೆಯ ಬಗ್ಗೆ 1998ರಲ್ಲಿ ಪುಸ್ತಕ ಬರೆದಿದ್ದ ಪಿಂಕಿ ವಿರಾನಿ ಆಕೆಯ ‘ನೆಕ್ಸ್ಟ್ ಫ್ರೆಂಡ್’ ಆಗಿ ಸುಪ್ರೀಂ ಕೋರ್ಟಿಗೆ ಹೋದರು. ನ್ಯಾಯಾಲಯ ನೇಮಿಸಿದ ಮೂವರು ವೈದ್ಯರು ಆಕೆ ಹೊರಡಿಸುವ ಸದ್ದುಗಳನ್ನು, ಆಹಾರಕ್ಕೆ, ಸುತ್ತಲಿನ ಜನರಿಗೆ ತೋರುವ ಪ್ರತಿಕ್ರಿಯೆಗಳನ್ನು ದಾಖಲಿಸಿದರು. 2011ರ ಮಾರ್ಚ್ 7ರ ತೀರ್ಪು ಅರ್ಜಿಯನ್ನು ತಳ್ಳಿಹಾಕಿ, ದಶಕಗಳ ಕಾಲ ಉಣಿಸಿ ತೊಳೆದು ನೋಡಿಕೊಂಡ ಆಸ್ಪತ್ರೆಯ ಸಿಬ್ಬಂದಿಯೇ ಆಕೆಯ ನಿಜವಾದ ಆಪ್ತರು ಎಂದಿತು. ಆಕೆ ತೀರಿಕೊಂಡದ್ದು 2015ರ ಮೇ 18ರಂದು.

ವಿಮರ್ಶೆಯ ಭಾಷೆಯಲ್ಲಿ ಹೇಳುವುದಾದರೆ, ಇಲ್ಲಿ ಪಠ್ಯ ಒಂದು, ಓದುಗ ಸಮುದಾಯಗಳು ಎರಡು. ದಾದಿಯರು ಆ ಸದ್ದುಗಳಲ್ಲಿ ಬದುಕನ್ನು ಓದಿದರು, ಅರ್ಜಿದಾರರು ಬಿಡುಗಡೆಗಾಗಿ ಕಾಯುವಿಕೆಯನ್ನು. ನ್ಯಾಯಾಲಯ ಒಂದು ಓದಿಗೆ ಮಾನ್ಯತೆ ಕೊಟ್ಟಿತು. ಅದರ ತಾರ್ಕಿಕ ಆಧಾರ ಗಮನಾರ್ಹ: ಮಾತಾಡಲಾರದವರ ಪರವಾಗಿ ಮಾತಾಡುವ ಅಧಿಕಾರ ಬರುವುದು ಹತ್ತಿರವಿದ್ದು ಮಾಡಿದ ಆರೈಕೆಯಿಂದ. ಸಕ್ರಿಯ, ನಿಷ್ಕ್ರಿಯ ಎಂಬ ವಿಭಜನೆಯನ್ನು ಬಳಸಿದ ತೀರ್ಪೇ ಕೊನೆಗೆ ಕೇಳಿಸಿಕೊಂಡವರು ಯಾರು ಎಂಬ ಪ್ರಶ್ನೆಗೆ ಬಂದು ನಿಂತಿತು.

೫

ಮುಂಗಡ ನಿರ್ದೇಶನ ಈ ಬಿಕ್ಕಟ್ಟಿಗೆ ಕಾನೂನು ಕಂಡುಕೊಂಡ ಪರಿಹಾರ: ಮಾತಾಡಬಲ್ಲಾಗಲೇ ಮಾತನ್ನು ಬರೆದಿಡುವುದು. 2018ರ ವಿಧಾನ ಬಲು ತೊಡಕಿನದಾಗಿತ್ತು. 2023ರ ಜನವರಿ 24ರ ಆದೇಶ ಅದನ್ನು ಸರಳಗೊಳಿಸಿತು. ಈಗ ಇಬ್ಬರು ಸಾಕ್ಷಿಗಳ ಸಹಿ, ನೋಟರಿ ಅಥವಾ ಗೆಜೆಟೆಡ್ ಅಧಿಕಾರಿಯ ದೃಢೀಕರಣ ಸಾಕು. ಚಿಕಿತ್ಸೆ ನಿಲ್ಲಿಸುವ ಮುನ್ನ ಪ್ರಾಥಮಿಕ, ದ್ವಿತೀಯ ಎಂಬ ಎರಡು ವೈದ್ಯಕೀಯ ಮಂಡಳಿಗಳು, ಸಾಧ್ಯವಾದಷ್ಟೂ 48 ಗಂಟೆಗಳೊಳಗೆ, ಅಭಿಪ್ರಾಯ ಕೊಡಬೇಕು. 2025ರ ಜನವರಿಯ ಕೊನೆಯಲ್ಲಿ ಕರ್ನಾಟಕದ ಆರೋಗ್ಯ ಇಲಾಖೆ ಇದರ ಜಾರಿಗೆ ಸುತ್ತೋಲೆ ಹೊರಡಿಸಿತು. ಸುಪ್ರೀಂ ಕೋರ್ಟಿನ ಮಾತು ಗಡಿಯ ಎರಡೂ ಬದಿಗೆ ಒಂದೇ. ಸುತ್ತೋಲೆ ಮಾತ್ರ ಆಳಂದ, ಇಂಡಿಗಳಲ್ಲೇ ನಿಲ್ಲುತ್ತದೆ, ಅಕ್ಕಲಕೋಟೆಗೆ ದಾಟುವುದಿಲ್ಲ.

ನಿರ್ದೇಶನದ ಮಾತು ಸ್ಪಷ್ಟವಾಗಿರಬೇಕು, ಬರೆದವರು ಅದರ ಪರಿಣಾಮವನ್ನು ಅರಿತಿರಬೇಕು ಎನ್ನುತ್ತದೆ ಮಾರ್ಗಸೂಚಿ. ಸ್ಪಷ್ಟತೆ ಯಾವ ಭಾಷೆಯಲ್ಲಿ ಎಂಬುದು ಅದರ ಪ್ರಶ್ನೆಯಲ್ಲ. ಅಕ್ಕಲಕೋಟೆಯ ಹಳ್ಳಿಯ ಕನ್ನಡದ ಹೆಂಗಸು ಸೊಲ್ಲಾಪುರದ ಆಸ್ಪತ್ರೆಗೆ ಬಂದಾಗ ವೈದ್ಯರು ಮರಾಠಿಯಲ್ಲಿ ವಿವರಿಸುತ್ತಾರೆ, ಕಡತ ಇಂಗ್ಲಿಷಿನಲ್ಲಿರುತ್ತದೆ, ನಡುವೆ ನಿಲ್ಲುವುದು ಮಗ ಅಥವಾ ಅಳಿಯ. ‘ಚಿಕಿತ್ಸೆ ಹಿಂತೆಗೆಯುವುದು’ ಎಂಬುದು ಅವನ ಬಾಯಲ್ಲಿ ‘ಕೈಬಿಡುವುದು’ ಎಂದಾಗಬಹುದು. ಹಾಗಾದರೆ ಅವಳು ಬೇಡವೆನ್ನುತ್ತಾಳೆ. ‘ಸುಮ್ಮನೆ ಹೋಗಗೊಡುವುದು’ ಎಂದಾದರೆ ಹೂಂ ಎಂದಾಳು. ಅದೇ ವೈದ್ಯಕೀಯ ಸಂಗತಿ, ಎರಡು ಉತ್ತರ. ಇನ್ನು ನಿರ್ದೇಶನವೇ ಇಲ್ಲದ ಮನೆಗಳಲ್ಲಿ, ವೈದ್ಯರ ಸಲಹೆಗೆ ವಿರುದ್ಧವಾಗಿ ಕರೆದೊಯ್ಯುತ್ತಿದ್ದೇವೆ ಎಂಬ ಕಾಗದಕ್ಕೆ ಬೀಳುವ ಸಹಿ ಅವಳದಲ್ಲ, ಮನೆಯವರದು. ಖರ್ಚು ಹೇಳಿಸಿದ ಆ ನಿರ್ಧಾರವನ್ನು ಯಾವ ಮಂಡಳಿಯೂ ನೋಡುವುದಿಲ್ಲ.

ಆದ್ದರಿಂದ ಗಡಿನಾಡಿನಲ್ಲಿ ಭಾಷೆ ಸೌಲಭ್ಯದ ವಿಷಯವಾಗಿ ಉಳಿಯದೆ ಸಮ್ಮತಿಯ ಸಿಂಧುತ್ವದ ವಿಷಯವಾಗುತ್ತದೆ. ಕನಿಷ್ಠ ಮೂರು ಸಂಗತಿಗಳು ಅಗತ್ಯ: ನಿರ್ದೇಶನ ಬರೆಯುವವರ ಮನೆಮಾತಿನಲ್ಲಿರಬೇಕು, ಜೊತೆಗೆ ಆಸ್ಪತ್ರೆಯ ಭಾಷೆಯ ಪ್ರತಿ ಇರಬೇಕು, ಇಬ್ಬರು ಸಾಕ್ಷಿಗಳಲ್ಲಿ ಒಬ್ಬರಾದರೂ ಆ ಮಾತನ್ನು ಬಲ್ಲವರಾಗಿರಬೇಕು, ಮಾತು ಉಳಿದಿರುವ ರೋಗಿಯನ್ನು ಮನೆಯವರಲ್ಲದ ಒಬ್ಬರು ಅವರದೇ ಭಾಷೆಯಲ್ಲಿ ಕೇಳಬೇಕು. ಇದಕ್ಕೆ ಹೊಸ ಶಾಸನ ಬೇಕಿಲ್ಲ. ಜಿಲ್ಲೆಯ ಆರೋಗ್ಯಾಡಳಿತ ಮನಸ್ಸು ಮಾಡಿದರೆ ಆದೀತು. ನಮೂನೆಗೆ ಒಪ್ಪುವ ಕನ್ನಡವನ್ನು ಕಟ್ಟಿಕೊಡುವುದು ವಿದ್ವಾಂಸರ ಪಾಲಿನ ಕೆಲಸ: ‘ಮರಣಶಾಸನ’ದ ಬೆದರಿಕೆಯಾಗಲಿ ‘ಸಮಾಧಿ’ಯ ಮಬ್ಬಾಗಲಿ ಇಲ್ಲದ, ‘ಕೈಬಿಡು’ವಿಗೂ ‘ಹೋಗಗೊಡು’ವಿಗೂ ಇರುವ ಅಂತರವನ್ನು ಬಲ್ಲ ಕನ್ನಡ.

ಸಮ್ಮತಿ ಕಟ್ಟೆಯಲ್ಲಿ ಪ್ರತಿವರ್ಷ ಸಮ್ಮತಿಯನ್ನು ಎಲ್ಲರಿಗೂ ಕೇಳುವಂತೆ ಓದಲಾಗುತ್ತದೆ. ಕುಂಬಾರ ಕನ್ಯೆ ಮಾತ್ರ ಅದರಲ್ಲಿ ಉತ್ತರ ಕೊಡುವುದಿಲ್ಲ. ಅವಳ ಮೌನವನ್ನು ಒಪ್ಪಿಗೆಯೆಂದು ಓದುವ ಅಭ್ಯಾಸ ಹೋಮಕುಂಡದಿಂದ ಆಸ್ಪತ್ರೆಯ ಕಡತಕ್ಕೆ ದಾಟದಂತೆ ನೋಡಿಕೊಳ್ಳುವುದೇ ಘನತೆಯ ಸಾವನ್ನು ಕುರಿತ ಚರ್ಚೆಯ ಮೊದಲ ಹೊಣೆ.